ಮಳೆಗಾಲಕ್ಕೆ ತಾಳುವ ರೈಫಲ್ ಸ್ಕೋಪ್ ಬೇಕು: ನಾಲ್ಕೋ, ಆರೋ, ಹತ್ತೋ?

ಮಣಿಪಾಲದಿಂದ ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ತಂದೆಯವರ ಕಾಲದ ಬ್ರನೋ .22 ರೈಫಲ್ ಎರಡು ವರ್ಷದ ಹಿಂದೆ ನನ್ನ ಪರವಾನಗಿಗೆ ಬಂತು. ಬೇಟೆಯ ಮಾತಿಲ್ಲ, ರೇಂಜಿನಲ್ಲಿ 50 ಮೀಟರ್ ದೂರದ ಕಾಗದದ ಗುರಿಗೆ ಮಾತ್ರ ಹೊಡೆಯುತ್ತೇನೆ. ಅದಕ್ಕೆ 3ರಿಂದ 9 ಪವರ್ ತನಕ (ಅಂದರೆ ಅಷ್ಟು ಪಟ್ಟು ದೊಡ್ಡದಾಗಿ ಕಾಣುವಂತೆ) ಝೂಮ್ ಆಗುವ ಅಗ್ಗದ ಸ್ಕೋಪ್, ಅಂದರೆ ಗುರಿ ನೋಡುವ ದುರ್ಬೀನು, ಹಾಕಿದ್ದೆ. ಕಳೆದ ಜುಲೈ ತಿಂಗಳಲ್ಲಿ ಅದರ ಒಳಗೆ ಮಂಜು ಕಟ್ಟಿತು. ದೀಪಾವಳಿಯ ಹೊತ್ತಿಗೆ ಗಾಜಿನ ಮೇಲೆ ಜೇಡರ ಬಲೆಯಂತೆ ಬೂಸಲು ಹರಡಿತ್ತು. ಝೂಮ್ ಉಂಗುರ ತಿರುಗಿಸಿದರೆ ಗುಂಡು ಬೀಳುವ ಜಾಗವೂ ಸರಿಯುತ್ತಿತ್ತು. ಇನ್ನು ಝೂಮ್ ಬೇಡ, ಒಂದೇ ಪವರ್‌ನ ಗಟ್ಟಿ ಸ್ಕೋಪ್ ಸಾಕು ಅನಿಸಿದೆ. 4, 6, 10 ಇವುಗಳಲ್ಲಿ ಯಾವುದು ಸರಿ? ಹತ್ತು ಹದಿನೈದು ವರ್ಷ ಬಾಳಬೇಕು. ನಮ್ಮ ಹವೆಯಲ್ಲಿ ಬಳಸಿ ನೋಡಿದವರು ದಯವಿಟ್ಟು ಹೇಳಿ.

ಕುಂದಾಪುರದಿಂದ, ಸೇನೆಯಿಂದ ನಿವೃತ್ತರು

ನಿಮ್ಮ ಆಲೋಚನೆ ಸರಿಯಾಗಿದೆ. ಝೂಮ್ ಸ್ಕೋಪಿನ ಹೊಟ್ಟೆಯಲ್ಲಿ ಮಸೂರಗಳು ಓರೆಗಂಡಿಗಳ ಮೇಲೆ ಹಿಂದೆ ಮುಂದೆ ಜಾರುತ್ತವೆ. ಜಾರಬೇಕೆಂದರೆ ಕೂದಲೆಳೆಯಷ್ಟಾದರೂ ಸಡಿಲು ಬೇಕು. ಒಳ್ಳೆಯ ತಯಾರಕರು ಆ ಸಡಿಲನ್ನು ಮಿತಿಯಲ್ಲಿಡುತ್ತಾರೆ, ಅಗ್ಗದವರಿಗೆ ಅದು ಆಗುವುದಿಲ್ಲ. ನಿಮ್ಮ ಗುಂಡು ಅಲೆದಾಡಿದ್ದಕ್ಕೆ ಕಾರಣ ಬಹುಶಃ ಅದೇ. ಒಂದೇ ಪವರ್‌ನ ಸ್ಕೋಪಿನಲ್ಲಿ ಜಾರುವ ಆ ಭಾಗವೇ ಇಲ್ಲ, ನೀರು ನುಗ್ಗಲು ಝೂಮ್ ಉಂಗುರದ ಸಂದಿಯೂ ಇಲ್ಲ. ಅಮೆರಿಕದ ಸೇನೆ 1988ರಲ್ಲಿ ತನ್ನ ಎಂ24 ರೈಫಲ್‌ಗೆ ಲ್ಯೂಪೋಲ್ಡ್ ಕಂಪನಿಯ 10 ಪವರ್‌ನ ಝೂಮ್ ಇಲ್ಲದ ಸ್ಕೋಪನ್ನೇ ಆರಿಸಿತು. ಅದಕ್ಕೂ ಮೊದಲು ಅವರ ಮರೀನ್ ಪಡೆಯವರು ಉನರ್ಟಲ್ ಕಂಪನಿಯ 10 ಪವರ್ ಸ್ಕೋಪ್ ಬಳಸುತ್ತಿದ್ದರು. ಆದರೆ ಝೂಮ್ ಇಲ್ಲ ಎಂದ ಮಾತ್ರಕ್ಕೆ ಸ್ಕೋಪ್ ಗಟ್ಟಿ ಎಂದು ನಂಬಬೇಡಿ. ಗುರಿ ಹೊಂದಿಸುವ ಗುಂಡಿಗಳ ಎದುರು ಒಳಗೊಂದು ಸ್ಪ್ರಿಂಗ್ ಇರುತ್ತದೆ. ಅದು ದುರ್ಬಲವಾದರೆ ಸ್ಥಿರ ಪವರ್‌ನದ್ದೂ ಕೈಕೊಡುತ್ತದೆ.

ನಿಮ್ಮ ಕೆಲಸಕ್ಕೆ ನಾನು ಹೇಳುವುದು 6×42, ಅಂದರೆ 6 ಪವರ್, ಮುಂದಿನ ಗಾಜಿನ ಅಗಲ 42 ಮಿಲಿಮೀಟರ್. ಮುಂದಿನ ಗಾಜಿನ ಅಗಲವನ್ನು ಪವರ್‌ನಿಂದ ಭಾಗಿಸಿದರೆ ಕಣ್ಣಿಗೆ ಬರುವ ಬೆಳಕಿನ ಕಂಬದ ಅಗಲ ಸಿಗುತ್ತದೆ. 6×42ಕ್ಕೆ 7 ಮಿಲಿಮೀಟರ್, 10×42ಕ್ಕೆ 4.2. ಜುಲೈ ತಿಂಗಳ ಮೋಡದ ಮಧ್ಯಾಹ್ನ ಈ ವ್ಯತ್ಯಾಸ ಚೆನ್ನಾಗಿಯೇ ಗೊತ್ತಾಗುತ್ತದೆ. ಕಂಬ ದಪ್ಪವಿದ್ದರೆ ಕೆನ್ನೆ ಸ್ವಲ್ಪ ಆಚೀಚೆ ಸರಿದರೂ ಚಿತ್ರ ಕಪ್ಪಾಗುವುದಿಲ್ಲ. ನಾನು ಆರು ವರ್ಷ 10 ಪವರ್‌ನದ್ದನ್ನು ಬಳಸಿದೆ. ಕಾಗದ ದೊಡ್ಡದಾಗಿ ಕಾಣುತ್ತದೆ ನಿಜ, ಆದರೆ ನನ್ನ ಎದೆಬಡಿತವೂ ಅಷ್ಟೇ ದೊಡ್ಡದಾಗಿ ಕಾಣುತ್ತಿತ್ತು. ಏಪ್ರಿಲ್ ಬಿಸಿಲಿನಲ್ಲಿ ನೆಲದಿಂದೇಳುವ ಬಿಸಿಗಾಳಿಗೆ ಗುರಿ ನೀರಿನೊಳಗಿನ ಮೀನಿನಂತೆ ನಲುಗುತ್ತಿತ್ತು. ನೂರು ಮೀಟರ್ ಮತ್ತು ಅದರಾಚೆಗೆ ಹೊಡೆಯುವವರು ಹತ್ತನ್ನು ತೆಗೆದುಕೊಳ್ಳಲಿ.

ಒಂದು ಎಚ್ಚರಿಕೆ. ಅಂತರರಾಷ್ಟ್ರೀಯ ಶೂಟಿಂಗ್ ನಿಯಮದಂತೆ 50 ಮೀಟರ್ ರೈಫಲ್ ಸ್ಪರ್ಧೆಯಲ್ಲಿ ಸ್ಕೋಪ್ ಹಾಕುವಂತಿಲ್ಲ, ಸಣ್ಣ ತೂತಿನ ಮೂಲಕ ಗುರಿ ನೋಡುವ ಸೈಟೇ ಬೇಕು. ಮುಂದೆ ಸ್ಪರ್ಧೆಯ ಆಸೆ ಇದ್ದರೆ ಹಣವನ್ನು ಮೊದಲು ಅದಕ್ಕೆ ಹಾಕಿ.

ಕಾರ್ಕಳದಿಂದ, ಏರ್ ರೈಫಲ್ ಬಳಸುವವರು

ನನ್ನದು .177 ಸ್ಪ್ರಿಂಗ್ ಏರ್ ರೈಫಲ್, 20 ಜೂಲ್‌ಗಿಂತ ಕಡಿಮೆ ಶಕ್ತಿಯದು. ಹಾಗಾಗಿ ಪರವಾನಗಿಯ ತೊಂದರೆ ಇಲ್ಲ. ಇದನ್ನು ಓದುವ ಏರ್ ರೈಫಲ್ ಗೆಳೆಯರಿಗಾಗಿ ಬರೆಯುತ್ತಿದ್ದೇನೆ, ಏಕೆಂದರೆ ಎರಡು ಸ್ಕೋಪ್ ಕಳೆದುಕೊಂಡ ಮೇಲೆ ನನಗೆ ಇದು ತಿಳಿಯಿತು. ಸ್ಪ್ರಿಂಗ್ ರೈಫಲ್ ಎರಡು ಸಲ ಒದೆಯುತ್ತದೆ. ಒಳಗಿನ ಪಿಸ್ಟನ್ ಮುಂದೆ ನುಗ್ಗುವಾಗ ರೈಫಲ್ ಹಿಂದೆ ಬರುತ್ತದೆ. ಪಿಸ್ಟನ್ ಕೊನೆ ಮುಟ್ಟಿ ಗಕ್ಕನೆ ನಿಂತಾಗ ರೈಫಲ್ ಮುಂದಕ್ಕೆ ಎಗರುತ್ತದೆ. ಮದ್ದಿನ ರೈಫಲ್‌ಗೆಂದು ಮಾಡಿದ ಸ್ಕೋಪ್ ಹಿಂದಿನ ಒದೆತವನ್ನು ತಡೆಯುತ್ತದೆ, ಈ ಮುಂದಿನದನ್ನು ತಡೆಯುವುದಿಲ್ಲ. ನನ್ನ ಮೊದಲನೆಯದರಲ್ಲಿ ಅಡ್ಡಗೆರೆಯೇ ಮುರಿದು ಓರೆಯಾಯಿತು, ಎರಡನೆಯದರಲ್ಲಿ ಒಂದು ಮಸೂರ ಸಡಿಲಾಗಿ ಗಲಗಲ ಸದ್ದು ಮಾಡಿತು. ಎರಡೂ ಝೂಮ್. ಈಗ ಇರುವುದು ಏರ್ ರೈಫಲ್‌ಗೆ ತಕ್ಕದ್ದು ಎಂದು ಬರೆದೇ ಬಂದ 4×32. ಒಂಬತ್ತನೆಯ ಮಳೆಗಾಲ ನಡೆಯುತ್ತಿದೆ, ಇನ್ನೂ ಗಟ್ಟಿಯಾಗಿದೆ. ಹತ್ತು ಮೀಟರ್‌ಗೆ ನಾಲ್ಕು ಸಾಲದು ಎಂದು ಯಾರಾದರೂ ಹೇಳಿದರೆ, ಹತ್ತು ಮೀಟರ್ ಓಡುವ ಗುರಿಯ ಸ್ಪರ್ಧೆಯಲ್ಲಿ ನಿಯಮವೇ 4 ಪವರ್‌ಗಿಂತ ಹೆಚ್ಚು ಕೊಡುವುದಿಲ್ಲ ಎಂದು ತಿಳಿಸಿ.

ಮಂಗಳೂರು ಹಂಪನಕಟ್ಟೆಯಿಂದ, ಕ್ಯಾಮೆರಾ ಲೆನ್ಸ್ ದುರಸ್ತಿ ಮಾಡುವವರು

ನಾನು ಕೋವಿ ಹಿಡಿದವನಲ್ಲ. ಆದರೆ ಬೂಸಲು ಹಿಡಿದ ಗಾಜನ್ನು ಇಪ್ಪತ್ತೆರಡು ವರ್ಷದಿಂದ ಬಿಚ್ಚುತ್ತಿದ್ದೇನೆ. ಕ್ಯಾಮೆರಾ, ದುರ್ಬೀನು, ಸ್ಕೋಪ್ ಎಲ್ಲಕ್ಕೂ ನಮ್ಮೂರಿನಲ್ಲಿ ಶತ್ರು ಒಂದೇ. ಮಂಗಳೂರಿಗೆ ವರ್ಷಕ್ಕೆ ಮೂರೂವರೆ ಸಾವಿರ ಮಿಲಿಮೀಟರ್ ಮಳೆ, ಅದರಲ್ಲಿ ಬಹುಪಾಲು ಜೂನ್‌ನಿಂದ ಸೆಪ್ಟೆಂಬರ್ ಒಳಗೆ. ಬೂಸಲಿನ ಬೀಜ ಗಾಳಿಯಲ್ಲಿ ಸದಾ ಇರುತ್ತದೆ. ತೇವ ನೂರಕ್ಕೆ ಎಪ್ಪತ್ತನ್ನು ದಾಟಿ ನಿಂತರೆ ಅದು ಗಾಜಿನ ಮೇಲಿನ ಧೂಳು, ಬೆರಳಿನ ಎಣ್ಣೆಯನ್ನು ತಿಂದು ಬೆಳೆಯುತ್ತದೆ. ಬೆಳೆದದ್ದು ಆಮ್ಲ ಬಿಡುತ್ತದೆ, ಆಮ್ಲ ಗಾಜಿನ ಲೇಪವನ್ನು ಕೊರೆಯುತ್ತದೆ. ಬೂಸಲನ್ನು ನಾನು ಒರೆಸಿ ಕೊಡಬಲ್ಲೆ, ಕೊರೆದ ಗುರುತನ್ನು ಅಳಿಸಲಾರೆ. ಅದಕ್ಕೇ ಜನ ತಡವಾಗಿ ತಂದಾಗ ನನಗೆ ಸಂಕಟವಾಗುತ್ತದೆ.

ಒಳ್ಳೆಯ ಸ್ಕೋಪಿನೊಳಗೆ ಗಾಳಿ ತೆಗೆದು ನೈಟ್ರೋಜನ್ ತುಂಬಿರುತ್ತಾರೆ, ಸಂದುಗಳಲ್ಲಿ ರಬ್ಬರ್ ಉಂಗುರ ಕೂರಿಸಿರುತ್ತಾರೆ. ಆ ಮುದ್ರೆ ಉಳಿದಿರುವಷ್ಟು ದಿನ ಒಳಗೆ ಬೂಸಲು ಬರಲಾರದು. ಹಾಗಾಗಿ ಕೊಂಡ ವಾರದಲ್ಲೇ, ಹಿಂದಿರುಗಿಸುವ ಅವಕಾಶ ಇರುವಾಗ, ಒಂದು ಪರೀಕ್ಷೆ ಮಾಡಿ. ನೀರಿಗೂ ತಾಳುತ್ತದೆ ಎಂದು ತಯಾರಕರೇ ಬರೆದಿರುವ ಸ್ಕೋಪನ್ನು, ಗುಂಡಿಗಳ ಮುಚ್ಚಳ ಬಿಗಿದು, ಕೈಗೆ ಹಿತವಾಗುವಷ್ಟು ಬೆಚ್ಚಗಿನ ನೀರಿನಲ್ಲಿ ಕೆಲವು ನಿಮಿಷ ಮುಳುಗಿಸಿ. ಮೊದಲ ಕ್ಷಣದಲ್ಲಿ ಮೇಲ್ಮೈಗೆ ಅಂಟಿದ ಗುಳ್ಳೆಗಳು ಏಳುತ್ತವೆ, ಅವು ಲೆಕ್ಕಕ್ಕಿಲ್ಲ. ಒಂದೇ ಜಾಗದಿಂದ ಸಾಲಾಗಿ ಗುಳ್ಳೆ ಬರುತ್ತಲೇ ಇದ್ದರೆ ಮುದ್ರೆ ಸೋರುತ್ತಿದೆ ಎಂದರ್ಥ. ವಾಪಸು ಕೊಡಿ.

ಹೊರಗಿನ ಮಂಜನ್ನು ಕಂಡು ಹೆದರಬೇಡಿ. ಎ.ಸಿ. ಕಾರಿನಿಂದ ಇಳಿಸಿದ ತಣ್ಣನೆಯ ಗಾಜಿನ ಮೇಲೆ ನಮ್ಮ ಗಾಳಿಯ ತೇವ ಕೂರುವುದು ಸಹಜ. ಚೀಲದಿಂದ ತೆಗೆಯದೆ ಅರ್ಧ ಗಂಟೆ ಬಿಟ್ಟರೆ ಸರಿಹೋಗುತ್ತದೆ. ಒರೆಸಿದರೂ ಹೋಗದ ಮಂಜು ಒಳಗಿನದು, ಅದು ನಿಜವಾದ ರೋಗ.

ಇಡುವ ವಿಧಾನದಲ್ಲೇ ಜನ ಸೋಲುವುದು. ಚರ್ಮದ ಚೀಲ, ಸ್ಪಂಜಿನ ಪೆಟ್ಟಿಗೆ, ದಪ್ಪ ಬಟ್ಟೆಯ ಕವಚ ಇವೆಲ್ಲ ತೇವವನ್ನು ಹೀರಿ ಹಿಡಿದಿಟ್ಟುಕೊಳ್ಳುತ್ತವೆ. ರೈಫಲನ್ನು ಅವುಗಳಲ್ಲಿ ರೇಂಜಿಗೆ ಒಯ್ಯಿರಿ, ಮನೆಗೆ ಬಂದೊಡನೆ ಹೊರತೆಗೆಯಿರಿ. ಬೀಗ ಹಾಕುವ ಕಪಾಟಿನ ಬಾಗಿಲ ಸುತ್ತ ರಬ್ಬರ್ ಪಟ್ಟಿ ಅಂಟಿಸಿ, ಒಳಗೆ ಅರ್ಧ ಕಿಲೋ ಸಿಲಿಕಾ ಜೆಲ್ ಇಡಿ. ನೀಲಿ ಬಣ್ಣದ್ದಾದರೆ ತೇವ ಕುಡಿದಾಗ ಗುಲಾಬಿಯಾಗುತ್ತದೆ. ಓವನ್‌ನಲ್ಲಿ 120 ಡಿಗ್ರಿಯ ಶಾಖಕ್ಕೆ ಒಣಗಿಸಿದರೆ ಮತ್ತೆ ನೀಲಿಯಾಗುತ್ತದೆ. ತೇವ ತೋರಿಸುವ ಪುಟ್ಟ ಮೀಟರ್ ಒಂದನ್ನು ಜೊತೆಗಿಡಿ, ಮುಳ್ಳು 40 ಮತ್ತು 50ರ ನಡುವೆ ನಿಂತರೆ ನಿಶ್ಚಿಂತೆ. ಅಕ್ಕಿಯ ಡಬ್ಬಿಯಲ್ಲಿ ಹುಗಿದಿಡುವ ರೂಢಿ ನಮ್ಮ ಕಡೆ ಇದೆ. ಅಕ್ಕಿ ಅಷ್ಟು ತೇವ ಎಳೆಯುವುದಿಲ್ಲ, ಅದರ ಹಿಟ್ಟು ಬೂಸಲಿಗೆ ಊಟವಾಗುತ್ತದೆ.

ಇನ್ನೊಂದು, ಪಂಚೆಯ ಅಂಚಿನಿಂದ ಗಾಜು ಒರೆಸಬೇಡಿ. ಕಡಲ ಗಾಳಿಯ ಉಪ್ಪೂ ಮರಳೂ ಗಾಜಿನ ಮೇಲಿರುತ್ತವೆ. ಮೊದಲು ಬ್ಲೋವರ್‌ನಿಂದ ಊದಿ, ಆಮೇಲೆ ಮೃದುವಾದ ಬ್ರಷ್, ಬಟ್ಟೆ ಕೊನೆಗೆ.

ಹೆಬ್ರಿಯಿಂದ, ಅಡಿಕೆ ಕೃಷಿಕರು

ನನ್ನದು ತೋಟ ಕಾಯುವ ಜೋಡುನಳಿಗೆ ಕೋವಿ, ಅದಕ್ಕೆ ಸ್ಕೋಪ್ ಬೇಕಿಲ್ಲ. ಆದರೂ ಒಂದು ಮಾತು. ಚುನಾವಣೆ ಘೋಷಣೆಯಾದೊಡನೆ ಕೋವಿಯನ್ನು ಠಾಣೆಯಲ್ಲಿ ಇಡಲು ಸೂಚನೆ ಬರುತ್ತದೆ, ವಿನಾಯಿತಿ ಸಿಗದಿದ್ದರೆ ವಾರಗಟ್ಟಲೆ ಅಲ್ಲೇ ಇರಬೇಕು. ಕೊಡುವ ಮೊದಲು ನಳಿಗೆಗೆ ಎಣ್ಣೆ ಸವರಿ. ಸ್ಕೋಪನ್ನು ಬಿಚ್ಚಿ ನಿಮ್ಮ ಒಣ ಕಪಾಟಿನಲ್ಲೇ ಉಳಿಸಿಕೊಳ್ಳಿ, ಠಾಣೆಯವರು ಕೊಡುವ ರಶೀದಿಯನ್ನು ಜೋಪಾನ ಮಾಡಿ. ಕಾಡುಹಂದಿಗೆ ಸ್ಕೋಪ್ ಹಾಕಿದ ರೈಫಲ್ ಒಳ್ಳೆಯದಲ್ಲವೇ ಎಂದು ಕೇಳುವ ಹುಡುಗರು ನಮ್ಮಲ್ಲಿದ್ದಾರೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆ ಇದೆ. ಹಂದಿಯ ಕಾಟ ತಾಳಲಾಗದಿದ್ದರೆ ಅರಣ್ಯ ಇಲಾಖೆಗೆ ಅರ್ಜಿ ಕೊಡಿ. ನಾನೂ ಕೊಟ್ಟಿದ್ದೇನೆ.

ಮಣಿಪಾಲದಿಂದ

ಎಲ್ಲರಿಗೂ ಕೃತಜ್ಞತೆ. ಕುಂದಾಪುರದ ಸರ್, 6×42 ಎಂದೇ ನಿರ್ಧರಿಸಿದೆ. ನೋಡಿದ ಎರಡರಲ್ಲೂ ಪ್ಯಾರಲಾಕ್ಸ್ (ಕಣ್ಣು ಸರಿದಾಗ ಅಡ್ಡಗೆರೆ ಗುರಿಯ ಮೇಲೆ ಸರಿದಂತೆ ಕಾಣುವ ದೋಷ) 100 ಗಜದಲ್ಲಿ ಇಲ್ಲದಂತೆ ಹೊಂದಿಸಿದೆ ಎಂದು ಬರೆದಿದೆ. 50 ಮೀಟರ್‌ಗೆ ಅದು ತೊಂದರೆ ಕೊಡುವುದೇ? ಬ್ರನೋದ ಮೇಲೆ ಇರುವುದು ಸ್ಕೋಪ್ ಹಿಡಿಯುವ ಉಂಗುರಗಳು ಕಚ್ಚಿಕೊಳ್ಳುವ 11 ಮಿಲಿಮೀಟರ್ ಡವ್‌ಟೇಲ್. ಹೆಬ್ರಿಯವರು ಹೇಳಿದಂತೆ ಬಿಚ್ಚಿದರೆ ಮತ್ತೆ ಅದೇ ಜಾಗಕ್ಕೆ ಕೂರಿಸುವುದು ಹೇಗೆ?

ಕುಂದಾಪುರದಿಂದ

ತೊಂದರೆ ಕೊಡುತ್ತದೆ. ಪ್ಯಾರಲಾಕ್ಸ್ ನೂರಕ್ಕೆ ಹೊಂದಿಸಿದ, 42 ಮಿಲಿಮೀಟರ್ ಗಾಜಿನ ಸ್ಕೋಪಿನಲ್ಲಿ ಐವತ್ತಕ್ಕೆ ಗುರಿಯಿಟ್ಟಾಗ, ಕಣ್ಣು ಪೂರ್ತಿ ಅಂಚಿಗೆ ಸರಿದರೆ ಗುಂಡು ಸುಮಾರು 10 ಮಿಲಿಮೀಟರ್ ಸರಿಯುತ್ತದೆ. 50 ಮೀಟರ್ ಗುರಿಯಲ್ಲಿ ಹತ್ತು ಅಂಕದ ವೃತ್ತದ ಅಡ್ಡಳತೆಯೇ 10.4 ಮಿಲಿಮೀಟರ್. ಹಾಗಾಗಿ .22ಗೆಂದೇ 50 ಗಜಕ್ಕೆ ಹೊಂದಿಸಿದ್ದನ್ನು, ಇಲ್ಲವೇ ಪ್ಯಾರಲಾಕ್ಸ್ ಹೊಂದಿಸುವ ಉಂಗುರ ಇರುವುದನ್ನು ಹುಡುಕಿ. ಸಿಗದಿದ್ದರೆ ಕೆನ್ನೆಯನ್ನು ಪ್ರತಿ ಸಲ ಒಂದೇ ಜಾಗಕ್ಕೆ ಒತ್ತಲು ಅಭ್ಯಾಸ ಮಾಡಬೇಕು.

ಡವ್‌ಟೇಲ್ ವಿಷಯಕ್ಕೆ ಬಂದರೆ, ಸ್ಕೋಪ್ ಕೆಟ್ಟಿತು ಎಂದು ನನ್ನ ಬಳಿ ತಂದವರಲ್ಲಿ ಅರ್ಧಕ್ಕಿಂತ ಹೆಚ್ಚಿನವರದ್ದು ಉಂಗುರ ಸಡಿಲಾಗಿದ್ದದ್ದು. ಸ್ಕೋಪಿಗೆ ಖರ್ಚು ಮಾಡಿ ಉಂಗುರದಲ್ಲಿ ಉಳಿಸಬೇಡಿ, ಉಕ್ಕಿನದ್ದನ್ನೇ ಕೊಳ್ಳಿ. ಕೂರಿಸುವ ಮೊದಲು ಡವ್‌ಟೇಲನ್ನೂ ಉಂಗುರದ ಒಳಮೈಯನ್ನೂ ಸ್ಪಿರಿಟ್‌ನಿಂದ ಒರೆಸಿ ಎಣ್ಣೆ ತೆಗೆಯಿರಿ. ಮೇಲಿನ ತಿರುಪುಗಳನ್ನು ಅಡ್ಡಡ್ಡವಾಗಿ, ಸ್ವಲ್ಪ ಸ್ವಲ್ಪವೇ ಬಿಗಿಯಿರಿ. ತಯಾರಕರು ಬೇರೆ ಹೇಳದಿದ್ದರೆ 2 ನ್ಯೂಟನ್ ಮೀಟರ್ ದಾಟಬೇಡಿ, ಸ್ಕೋಪಿನ ಕೊಳವೆ ನೆಗ್ಗುತ್ತದೆ. ಎಲ್ಲ ಸರಿಯಾದ ಮೇಲೆ ಉಂಗುರದ ತಳಕ್ಕೂ ರೈಫಲಿಗೂ ಸೇರಿಸಿ ಉಗುರುಬಣ್ಣದ ಒಂದು ತೆಳು ಗೆರೆ ಎಳೆಯಿರಿ. ಬಿಚ್ಚುವಾಗ ಮೇಲಿನ ತಿರುಪು ಮುಟ್ಟದೆ ಸ್ಕೋಪ್ ಮತ್ತು ಉಂಗುರಗಳನ್ನು ಒಟ್ಟಿಗೇ ತೆಗೆದು, ಮತ್ತೆ ಗೆರೆಗೆ ಗೆರೆ ಕೂಡಿಸಿ. ಆದರೂ ಹೊಡೆದು ನೋಡದೆ ನಂಬಬೇಡಿ.

ಗುಂಡಿಗಳ ಪರೀಕ್ಷೆ ಹೀಗೆ. ಕಾಲು ಮಿನಿಟಿನ (ಮಿನಿಟು ಎಂದರೆ ಒಂದು ಡಿಗ್ರಿ ಕೋನದ ಅರವತ್ತರಲ್ಲಿ ಒಂದು ಪಾಲು) ಗುಂಡಿಯಾದರೆ ಒಂದು ಕ್ಲಿಕ್ಕಿಗೆ 50 ಮೀಟರ್‌ನಲ್ಲಿ 3.6 ಮಿಲಿಮೀಟರ್. ಮೂರು ಗುಂಡು ಹೊಡೆದು 20 ಕ್ಲಿಕ್ ಮೇಲೆ, ಆಮೇಲೆ 20 ಬಲಕ್ಕೆ, 20 ಕೆಳಗೆ, 20 ಎಡಕ್ಕೆ, ಪ್ರತಿ ಮೂಲೆಗೂ ಮೂರು. ಗುರಿಯಿಡುವ ಬಿಂದು ಮಾತ್ರ ಕೊನೆಯವರೆಗೂ ಒಂದೇ ಇರಲಿ. ಏಳು ಸೆಂಟಿಮೀಟರ್ ಚಿಲ್ಲರೆಯ ಚೌಕ ಮೂಡಿ, ಕೊನೆಯ ಮೂರು ಮೊದಲಿನ ಮೂರರ ಮೇಲೇ ಬಿದ್ದರೆ ಸ್ಕೋಪ್ ಪ್ರಾಮಾಣಿಕ. 50 ಮೀಟರ್‌ಗೆ ಹೊಂದಿಸಿದ .22 ಗುಂಡು ನೂರರಲ್ಲಿ ಸುಮಾರು ಒಂದು ಗೇಣು ಕೆಳಗೆ ಬೀಳುತ್ತದೆ, ಮುಂದೊಂದು ದಿನ ಬೇಕಾಗಬಹುದು, ಬರೆದಿಟ್ಟುಕೊಳ್ಳಿ.

ಮಣಿಪಾಲದಿಂದ, ಮೂರು ವಾರದ ನಂತರ

ಪ್ಯಾರಲಾಕ್ಸ್ ಉಂಗುರ ಇರುವ 6×42 ಬಂತು. ಬೆಚ್ಚಗಿನ ನೀರಿನಲ್ಲಿ ಐದು ನಿಮಿಷ ಇಟ್ಟೆ, ಗುಳ್ಳೆಯ ಸಾಲು ಬರಲಿಲ್ಲ. ಭಾನುವಾರ ಚೌಕ ಹೊಡೆದೆ. ಕೊನೆಯ ಮೂರರಲ್ಲಿ ಎರಡು ಮೊದಲಿನ ರಂಧ್ರಗಳನ್ನೇ ಹರಿದವು, ಒಂದು ಬೆರಳಗಲ ಎಡಕ್ಕೆ ಹೋಯಿತು. ಅದು ನನ್ನ ಟ್ರಿಗರ್ ತಪ್ಪು. ಹಂಪನಕಟ್ಟೆಯ ಸರ್, ಶನಿವಾರ ಮಂಗಳೂರಿಗೆ ಬರುತ್ತೇನೆ. ಸಿಲಿಕಾ ಜೆಲ್ ಬೇಕು, ಹಳೆಯ ಝೂಮ್ ಸ್ಕೋಪನ್ನೂ ನಿಮಗೆ ತೋರಿಸಬೇಕು. ಅಂಗಡಿ ಎಷ್ಟು ಹೊತ್ತಿಗೆ ತೆರೆಯುತ್ತದೆ?

ಹಂಪನಕಟ್ಟೆಯಿಂದ

ಹತ್ತು ಗಂಟೆಗೆ. ಹಳೆಯದನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿ ತನ್ನಿ. ಅಲ್ಲಿಯವರೆಗೆ ಹೊಸದರ ಜೊತೆ ಒಂದೇ ಕಪಾಟಿನಲ್ಲಿ ಇಡಬೇಡಿ.