ಮಕ್ಕಳ ಜೊತೆ ಡೆವಿಲ್ಡ್ ಎಗ್ಸ್ ಮಾಡಿದವರು ಇದ್ದೀರಾ? ಅನುಭವ ಹೇಳಿ

ಠಾಣೆ_ಅಮ್ಮ
ಮಗಳಿಗೆ ಮೇ ತಿಂಗಳಲ್ಲಿ ಏಳು ತುಂಬುತ್ತದೆ. ಸೊಸೈಟಿಯ ಹತ್ತು ಹನ್ನೆರಡು ಮಕ್ಕಳು ಸಂಜೆ ಐದಕ್ಕೆ ಮನೆಗೆ ಬರುತ್ತಾರೆ. ಕೇಕ್ ಹೊರಗಿಂದ ತರಿಸುತ್ತೇನೆ. ಒಂದು ತಿಂಡಿಯಾದರೂ ಮಕ್ಕಳೇ ಕೂತು ಮಾಡಲಿ ಅಂತ ಆಸೆ. ಅಮೆರಿಕದವರು ಈಸ್ಟರ್‌ಗೆ, ಪಿಕ್ನಿಕ್‌ಗೆ ಮಾಡುತ್ತಾರಲ್ಲ, ಆ ಡೆವಿಲ್ಡ್ ಎಗ್ಸ್. ಬೇಯಿಸಿದ ಮೊಟ್ಟೆಯ ಹಳದಿ ತೆಗೆದು, ರುಚಿಗೆ ಏನಾದರೂ ಸೇರಿಸಿ ಹಿಸುಕಿ, ಮತ್ತೆ ಬಿಳಿಯೊಳಗೆ ತುಂಬುವುದು. ಕೋಳಿಮರಿ, ಇಲಿ, ಹಾಯಿದೋಣಿ ಆಕಾರದಲ್ಲಿ. ಹಿಂದಿನ ರಾತ್ರಿಯೇ ಮೊಟ್ಟೆ ಬೇಯಿಸಿಡಬಹುದಾ? ಈ ಸೆಕೆಯಲ್ಲಿ ಎಷ್ಟು ಹೊತ್ತು ತಾಳುತ್ತದೆ? ಇಬ್ಬರು ಮಕ್ಕಳು ಮೊಟ್ಟೆ ತಿನ್ನುವುದಿಲ್ಲ, ಅವರಿಗೆ ಏನು ಕೊಡಲಿ?

ಡೊಂಬಿವಲಿ_ಈಸ್ಟ್
ಮೊದಲು ಮೊಟ್ಟೆ ಎಲ್ಲಿಂದ ತರುತ್ತೀರಿ ಅಂತ ನೋಡಿಕೊಳ್ಳಿ. ನಮ್ಮ ಯಜಮಾನರ ಗೆಳೆಯರೊಬ್ಬರು ಬದ್ಲಾಪುರದ ಕಡೆಯಿಂದ ಗಾವ್ಠಿ, ಅಂದರೆ ನಾಟಿ ಕೋಳಿ ಮೊಟ್ಟೆ ತಂದುಕೊಟ್ಟರು. ಒಂದಕ್ಕೆ ₹15. ಒಂದು ಟ್ರೇ, ಅಂದರೆ 30 ಮೊಟ್ಟೆ, ₹450. "ಭಾಭಿ, ಬೆಳಿಗ್ಗೆ ಇಟ್ಟ ಮೊಟ್ಟೆ, ಏಕದಮ್ ತಾಜಾ" ಅಂತ ಹೊಗಳಿದ್ದೇ ಹೊಗಳಿದ್ದು. ಆ ತಾಜಾತನವೇ ಮುಳುವಾಯಿತು. ಓಡಿನ ಜೊತೆ ಬಿಳಿ ಭಾಗವೂ ಕಿತ್ತು ಬಂತು. ಮಗನ ಕೈಗೆ ಕೊಟ್ಟರೆ ಅರ್ಧ ಮೊಟ್ಟೆ ಸಿಪ್ಪೆಯಲ್ಲೇ ಉಳಿಯಿತು. ಉಳಿದದ್ದು ಚಂದ್ರನ ಮೇಲಿನ ಗುಂಡಿಗಳ ಹಾಗೆ. ಮಕ್ಕಳೆಲ್ಲ ಕ್ಯಾರೆಟ್ ಕೊಕ್ಕು ಹಿಡಿದು ಕಾಯುತ್ತಾ ಕೂತಿದ್ದವು. ಕೊನೆಗೆ ಪಕ್ಕದ ಮನೆಯ ಕಾಕು ಬಂದು ಎಲ್ಲವನ್ನೂ ಭುರ್ಜಿ ಮಾಡಿದರು. ಪಾವ್‌ಗೆ ಮತ್ತೆ ₹60. ಐಸ್‌ಗೆ ₹40 ಕೊಟ್ಟಿದ್ದು ಬೇರೆ.

ಮೊಟ್ಟೆ ಹಳೆಯದಾದಷ್ಟೂ ಒಳಗಿನ ಕಾರ್ಬನ್ ಡೈಆಕ್ಸೈಡ್ ಓಡಿನ ಸಣ್ಣ ತೂತುಗಳಿಂದ ಹೊರಗೆ ಹೋಗುತ್ತದೆ. ಆಗ ಬಿಳಿ ಭಾಗ ಒಳಗಿನ ಪೊರೆಗೆ ಅಷ್ಟು ಗಟ್ಟಿಯಾಗಿ ಅಂಟುವುದಿಲ್ಲ. ಒಂದು ವಾರ ಮೊದಲೇ ಮಾಮೂಲಿ ಬಿಳಿ ಮೊಟ್ಟೆ ತಂದು ಫ್ರಿಜ್‌ನಲ್ಲಿಡಿ. ಇದನ್ನು ಆ ಗೆಳೆಯರಿಗೆ ಹೇಳಿದರೆ ಇವತ್ತಿಗೂ ಒಪ್ಪುವುದಿಲ್ಲ.

ಕೋಥ್ರೂಡ್_ಅಪ್ಪ
ಡೊಂಬಿವಲಿಯವರೇ, ಬಡಪಾಯಿ ಮೊಟ್ಟೆಯನ್ನು ಯಾಕೆ ಬೈಯುತ್ತೀರಿ? ತಣ್ಣೀರಿಗೆ ಹಾಕಿ ಕುದಿಸಿರುತ್ತೀರಿ. ಕುದಿಯುವ ನೀರಿಗೆ ಇಳಿಸಬೇಕು, ಇಲ್ಲವೇ ಇಡ್ಲಿ ಪಾತ್ರೆಯಲ್ಲಿ ಹಬೆಯಲ್ಲಿ ಬೇಯಿಸಬೇಕು. ನಾನು ಇಡ್ಲಿ ಪಾತ್ರೆಯಲ್ಲೇ 12 ನಿಮಿಷ ಇಡುತ್ತೇನೆ. ತಾಜಾ ಮೊಟ್ಟೆಯೂ ಸಲೀಸಾಗಿ ಸುಲಿಯುತ್ತದೆ. ಇನ್ನೂ ಜಾಸ್ತಿ ಇಟ್ಟರೆ ಹಳದಿಯ ಸುತ್ತ ಹಸಿರು ಬಳೆ ಬರುತ್ತದೆ. ಹಳದಿಯಲ್ಲಿನ ಕಬ್ಬಿಣ, ಬಿಳಿಯಲ್ಲಿನ ಗಂಧಕ ಸೇರಿ ಆಗುವುದು ಅದು. ತಿಂದರೆ ಏನೂ ಆಗುವುದಿಲ್ಲ. ಆದರೆ ನನ್ನ ಮಗಳು "ಅಪ್ಪಾ, ಕೋಳಿಮರಿಗೆ ಹುಷಾರಿಲ್ಲ" ಅಂತ ಅತ್ತಿದ್ದಳು. ಅವತ್ತು ಗ್ಯಾಸ್ ಮುಂದೆ ನಿಂತಿದ್ದವನು ನಾನಲ್ಲ, ನನ್ನ ಭಾವಮೈದ.

ಇನ್ನೊಂದು ಯಾರೂ ಹೇಳುವುದಿಲ್ಲ. ಕೋಳಿಮರಿ ಮಾಡಲು ಮೊಟ್ಟೆಯನ್ನು ಉದ್ದಕ್ಕೆ ಸೀಳುವುದಿಲ್ಲ. ನೆಟ್ಟಗೆ ನಿಲ್ಲಿಸಿ ಮೇಲಿನ ಮೂರನೇ ಒಂದು ಭಾಗವನ್ನು ಹಲ್ಲು ಹಲ್ಲಾಗಿ ಕತ್ತರಿಸಬೇಕು. ಅದು ಓಡೊಡೆದ ಹಾಗೆ ಕಾಣಬೇಕಲ್ಲ. ಕೆಳಗೆ ಒಂದು ತೆಳು ಚೂರು ತೆಗೆದರೆ ನಿಲ್ಲುತ್ತದೆ. ಹಳದಿ ಒಂದು ಪಕ್ಕಕ್ಕೆ ಸರಿದಿದ್ದರೆ ಆ ಕಡೆಯ ಗೋಡೆ ತೆಳುವಾಗಿ ಹರಿಯುತ್ತದೆ. ಬೇಯಿಸುವ ಹಿಂದಿನ ರಾತ್ರಿ ಮೊಟ್ಟೆಗಳನ್ನು ಅಡ್ಡ ಮಲಗಿಸಿಡಿ, ಹಳದಿ ನಡುವೆ ಬರುತ್ತದೆ. ಕತ್ತರಿಸುವುದು ದೊಡ್ಡವರ ಕೆಲಸ. ಹಳದಿ ಹಿಸುಕುವುದನ್ನು ಮಕ್ಕಳಿಗೆ ಬಿಡಿ. ಜಿಪ್ ಇರುವ ಪ್ಲಾಸ್ಟಿಕ್ ಚೀಲಕ್ಕೆ ಹಳದಿ, ಮಯೋನೀಸ್, ಸಾಸಿವೆ ಪೇಸ್ಟ್ ಹಾಕಿಕೊಟ್ಟರೆ ಗುದ್ದಿ ಗುದ್ದಿ ನುಣ್ಣಗೆ ಮಾಡುತ್ತವೆ. ಮೂಲೆ ಕತ್ತರಿಸಿದರೆ ಅದೇ ಪೈಪಿಂಗ್ ಬ್ಯಾಗ್. ಅಂಗಡಿಯಲ್ಲಿ ನಾಝಲ್ ಸೆಟ್ ಅಂತ ₹350 ಕಿತ್ತುಕೊಳ್ಳುತ್ತಾರೆ, ಬೇಡ.

ಡೊಂಬಿವಲಿ_ಈಸ್ಟ್
ನಾನು ಕುದಿಯುವ ನೀರಿಗೇ ಹಾಕಿದ್ದು. ನೋಡದೆ ಹೇಳಬೇಡಿ.

ಮಾಟುಂಗಾ_ಅಜ್ಜಿ
ಮಯೋನೀಸ್ ಯಾಕಮ್ಮ ಮಕ್ಕಳಿಗೆ? ತೆಲಂಗಾಣದಲ್ಲಿ 2024ರಲ್ಲಿ ಹಸಿ ಮೊಟ್ಟೆಯ ಮಯೋನೀಸ್ ಅನ್ನು ಒಂದು ವರ್ಷ ನಿಷೇಧಿಸಿದರು. ಮರುವರ್ಷ ತಮಿಳುನಾಡಿನಲ್ಲೂ ಅದೇ ಆಯಿತು. ಸುಮ್ನೆ ಮಾಡಿದ್ದಾರಾ? ನಾನು ಮೊಮ್ಮಕ್ಕಳಿಗೆ ಚಕ್ಕಾ ಹಾಕಿ ಮಾಡುತ್ತೇನೆ. ಶ್ರೀಖಂಡಕ್ಕೆ ಕಟ್ಟುವ ಹಾಗೆಯೇ ಮೊಸರನ್ನು ಬಟ್ಟೆಯಲ್ಲಿ ಕಟ್ಟಿ ರಾತ್ರಿಯಿಡೀ ಫ್ರಿಜ್‌ನಲ್ಲಿ ಇಳಿಬಿಡಬೇಕು. ಒಂದು ಚಮಚ ಕಸುಂದಿ (ಬಂಗಾಳದ ಸಾಸಿವೆ ಸಾಸ್), ಉಪ್ಪು, ಚಿಟಿಕೆ ಸಕ್ಕರೆ. ಮೇಲೆ ಪ್ಯಾಪ್ರಿಕಾ ಬದಲು ಬ್ಯಾಡಗಿ ಮೆಣಸಿನ ಪುಡಿ, ಬಣ್ಣ ಚೆನ್ನಾಗಿ, ಖಾರ ಕಡಿಮೆ. ಸೊಸೆ ಡಬ್ಬಿ ಮಯೋನೀಸೇ ಬೇಕು ಅಂತ ಹಟ ಹಿಡಿದಳು. ಎರಡು ತಟ್ಟೆ ಬೇರೆ ಬೇರೆ ಇಟ್ಟೆವು. ಯಾರ ತಟ್ಟೆ ಮೊದಲು ಖಾಲಿಯಾಯಿತು ಅಂತ ಕೇಳಬೇಡಿ, ಮನೆಯಲ್ಲಿ ಇನ್ನೂ ಆ ಮಾತಿದೆ.

ಪಿಂಪ್ರಿ_ಗೃಹಿಣಿ
ಅಜ್ಜಿ, ನಿಷೇಧ ಆಗಿದ್ದು ಹಸಿ ಮೊಟ್ಟೆ ಒಡೆದು ಮಾಡುವ ಮಯೋನೀಸ್‌ಗೆ. ನಮ್ಮ ಅಂಗಡಿಗಳಲ್ಲಿ ಸಿಗುವ ಎಷ್ಟೋ ಬಾಟಲಿಗಳಲ್ಲಿ ಮೊಟ್ಟೆಯೇ ಇರುವುದಿಲ್ಲ. ಹಸಿರು ಚುಕ್ಕಿ ನೋಡಿ ತನ್ನಿ ಅಷ್ಟೇ. ಚಕ್ಕಾ ಹಾಕಿದ್ದು ಅರ್ಧ ಗಂಟೆಯಲ್ಲಿ ನೀರು ಬಿಡುತ್ತದೆ. ನಮ್ಮ ಮನೆಯಲ್ಲಿ ಇಲಿಗಳೆಲ್ಲ ಜಾರಿ ತಟ್ಟೆಯಲ್ಲಿ ಒಂದರ ಮೇಲೊಂದು ಬಿದ್ದಿದ್ದವು. ಮುಳ್ಳುಸೌತೆ ಕಿವಿ ಒಂದು ಕಡೆ, ಬಾಲಕ್ಕೆ ಇಟ್ಟ ಈರುಳ್ಳಿ ಎಲೆ ಒಂದು ಕಡೆ.

ಮಾಟುಂಗಾ_ಅಜ್ಜಿ
ಸರಿಯಾಗಿ ಕಟ್ಟಿದರೆ ನೀರು ಬಿಡುವುದಿಲ್ಲ. ಎರಡು ಗಂಟೆ ಕಟ್ಟಿ ಚಕ್ಕಾ ಅಂದರೆ ಹೇಗೆ?

ವಾಸ್ಕೋ_ಧಾರವಾಡದವ
ನಮ್ಮ ಮನೆಯಲ್ಲಿ ತತ್ತಿ ಅಂದರೆ ಮಕ್ಕಳಿಗೆ ಪ್ರಾಣ. ಆದರೆ ಕಣ್ಣಿನ ವಿಷಯ ಎಲ್ಲರೂ ಬಿಟ್ಟಿದ್ದೀರಿ. ಯಾವುದೋ ವಿಡಿಯೋ ನೋಡಿ ನಾದಿನಿ ಕೋಳಿಮರಿಗೆ ಕಣ್ಣು ಅಂತ ಇಡೀ ಕಾಳುಮೆಣಸು ಚುಚ್ಚಿದಳು. ಸಣ್ಣವನು ಅಗಿಯದೆ ನುಂಗಿ ಕೆಮ್ಮಿ ಕೆಮ್ಮಿ ಕಣ್ಣಲ್ಲಿ ನೀರು. ಬೆನ್ನಿಗೆ ಗುದ್ದಿದ ಮೇಲೆ ಹೊರಗೆ ಬಂತು. ಹಬ್ಬದ ದಿನ ಆಸ್ಪತ್ರೆಗೆ ಓಡುವುದೊಂದು ಬಾಕಿ ಇತ್ತು. ಲವಂಗವೂ ಬೇಡ. ಕರಿ ಎಳ್ಳು ಸಾಕು, ಇಲ್ಲವೇ ಕಪ್ಪು ಆಲಿವ್ ಸಣ್ಣ ಚೂರು. ಆಲಿವ್ ಡಬ್ಬಿ ₹180 ಆಯಿತು, ಬೇಕಾಗಿದ್ದು ಅದರಲ್ಲಿ ನಾಲ್ಕು ಕಾಯಿ. ಉಳಿದದ್ದು ಫ್ರಿಜ್ ಹಿಂದೆ ಬೂಷ್ಟು ಹಿಡಿಯಿತು.

ದೊಡ್ಡವರಿಗೆ ಅಂತ ಗೋವಾ ಚೋರಿಸ್ (ಹಂದಿಮಾಂಸದ ಸಾಸೇಜ್) ಸಣ್ಣಗೆ ಹುರಿದು ಹಳದಿಗೆ ಕಲಸಿದ್ದೆ. ಅದರ ರುಚಿಯೇ ಬೇರೆ. ಸಾಸಿವೆ ಪೇಸ್ಟ್ ಬೇಕೇ ಆಗಲಿಲ್ಲ. ಮಾಪುಸಾದ ಶುಕ್ರವಾರದ ಸಂತೆಯಲ್ಲಿ ಮಾಲೆ ಮಾಲೆಯಾಗಿ ಸಿಗುತ್ತದೆ.

ಮುಲುಂಡ್_ವೆಸ್ಟ್
ಚೋರಿಸ್ ಅಂತೆ! ನಮ್ಮ ಸೊಸೈಟಿಯಲ್ಲಿ ಬರೀ ಮೊಟ್ಟೆಗೇ ರಾಮಾಯಣ ಆಯಿತು. ಹಾಲ್ ಬುಕ್ ಮಾಡಿ, ₹2,000 ಡಿಪಾಸಿಟ್ ಕಟ್ಟಿ, ಮಕ್ಕಳಿಗೆ ಬೀಟ್‌ರೂಟ್ ನೀರಿನಲ್ಲಿ ಮೊಟ್ಟೆಗೆ ಬಣ್ಣ ಹಾಕಿಸುತ್ತಿದ್ದೆ. ಸುಲಿದ ಮೊಟ್ಟೆಯನ್ನು ಬೀಟ್‌ರೂಟ್ ನೀರು, ಸ್ವಲ್ಪ ವಿನೆಗರ್‌ನಲ್ಲಿ ಅರ್ಧ ಗಂಟೆ ಮುಳುಗಿಸಿದರೆ ಎಷ್ಟು ಚಂದ ಗುಲಾಬಿ ಬಣ್ಣ ಬರುತ್ತದೆ ಗೊತ್ತಾ. ಅಷ್ಟರಲ್ಲಿ ಯಾರೋ ಗ್ರೂಪ್‌ಗೆ ಫೋಟೋ ಹಾಕಿ "ಹಾಲ್‌ನಲ್ಲಿ ನಾನ್‌ವೆಜ್" ಅಂದರು. ವಾಚ್‌ಮನ್ ಬಂದ, ಸೆಕ್ರೆಟರಿ ಬಂದರು. ಬಣ್ಣ ಮೇಜಿಗೆ ಹತ್ತಿದೆ ಅಂತ ಡಿಪಾಸಿಟ್‌ನಲ್ಲಿ ₹1,200 ಹಿಡಿದರು. ಅದು ಹಳೇ ಕಲೆ! ರಸೀದಿ ಇನ್ನೂ ಇಟ್ಟುಕೊಂಡಿದ್ದೇನೆ.

ಪಿಂಪ್ರಿ_ಗೃಹಿಣಿ
ನಿಯಮ ಇದ್ದರೆ ಪಾಲಿಸಬೇಕಲ್ವಾ? ಹಾಲ್ ಎಲ್ಲರದ್ದು.

ಮುಲುಂಡ್_ವೆಸ್ಟ್
ನಿಯಮ ಎಲ್ಲಿ ಬರೆದಿದೆ ತೋರಿಸಿ ಅಂದೆ. ತೋರಿಸಲಿಲ್ಲ. ನಿಮಗೆ ₹1,200 ಹೋಗಿದ್ದರೆ ಹೀಗೆ ಮಾತಾಡುತ್ತಿರಲಿಲ್ಲ.

ಪಿಂಪ್ರಿ_ಗೃಹಿಣಿ
ನಮ್ಮ ಮನೆಯಲ್ಲಿ ಮೊಟ್ಟೆ ತಿನ್ನದ ಮಕ್ಕಳಿಗೆ ಬೇರೆಯೇ ಮಾಡಿದ್ದೆ, ಯಾರೂ ಫೋಟೋ ತೆಗೆಯಲಿಲ್ಲ. ಸಣ್ಣ ಆಲೂ ಬೇಯಿಸಿ ಅರ್ಧ ಮಾಡಿ, ನಡುವೆ ಚಮಚದಲ್ಲಿ ಕೆರೆದು, ಪನೀರ್‌ಗೆ ಅರಿಶಿನ ಹಾಕಿ ತುಂಬಿದೆ. ಕ್ಯಾಪ್ಸಿಕಂ ತ್ರಿಕೋನವನ್ನು ಟೂತ್‌ಪಿಕ್‌ಗೆ ಚುಚ್ಚಿ ಹಾಯಿ ಮಾಡಿದರೆ ಮೊಟ್ಟೆಯ ದೋಣಿಗಿಂತ ಚೆನ್ನಾಗಿ ನಿಲ್ಲುತ್ತದೆ. ಚಾಕು, ತಟ್ಟೆ, ಚಮಚ ಎಲ್ಲ ಬೇರೆ ಇಟ್ಟಿದ್ದೆ.

ಕೋಥ್ರೂಡ್_ಅಪ್ಪ
ಅದು ಆಲೂ ಚಾಟ್. ಡೆವಿಲ್ಡ್ ಎಗ್ಸ್ ಕೇಳಿದರೆ ಆಲೂ ಹೇಳುತ್ತೀರಲ್ಲ.

ಪಿಂಪ್ರಿ_ಗೃಹಿಣಿ
ಮೇಲೆ ಪ್ರಶ್ನೆ ಇನ್ನೊಮ್ಮೆ ಓದಿ ಸರ್.

ಠಾಣೆ_ಅಮ್ಮ
ಜಗಳ ಬೇಡ ರೀ. ಹಿಂದಿನ ರಾತ್ರಿ ಬೇಯಿಸುವ ವಿಷಯ ಯಾರೂ ಹೇಳಲಿಲ್ಲ...

ವಾಸ್ಕೋ_ಧಾರವಾಡದವ
ಬೇಯಿಸಿಡಬಹುದು ಅಕ್ಕ. ಓಡಿನ ಸಮೇತ ಫ್ರಿಜ್‌ನಲ್ಲಿ ವಾರ ಇರುತ್ತದೆ. ಬೆಳಿಗ್ಗೆ ಸುಲಿದು ಮುಚ್ಚಿ ಫ್ರಿಜ್‌ಗೇ ವಾಪಸ್ ಇಡಿ. ತುಂಬುವುದು ಮಾತ್ರ ಮಕ್ಕಳು ಬಂದ ಮೇಲೆ. ಹೊರಗೆ ಎರಡು ಗಂಟೆಗಿಂತ ಜಾಸ್ತಿ ಇಡಬಾರದು, 32 ಡಿಗ್ರಿ ದಾಟಿದರೆ ಒಂದೇ ಗಂಟೆ. ಮೇ ತಿಂಗಳಲ್ಲಿ ಒಂದು ಗಂಟೆ ಅಂತಲೇ ಹಿಡಿಯಿರಿ. ಅಗಲದ ಪರಾತದಲ್ಲಿ ಐಸ್ ಹಾಕಿ ಅದರ ಮೇಲೆ ತಟ್ಟೆ ಇಡಿ. ಉಳಿದರೆ ಬಿಸಾಡಿ, ಕೆಲಸದವಳಿಗೆ ಕಟ್ಟಿಕೊಡಬೇಡಿ. ಬರುವ ಮಕ್ಕಳ ಅಮ್ಮಂದಿರಿಗೆ ಮೊಟ್ಟೆ ಅಲರ್ಜಿ ಇದೆಯಾ ಅಂತಲೂ ಫೋನ್ ಮಾಡಿ. ನಮ್ಮ ಅಣ್ಣನ ಮಗನಿಗೆ ಇತ್ತು. ಬಿಳಿ ಮುಟ್ಟಿದ ಕೈಯಲ್ಲಿ ಮುಖ ಉಜ್ಜಿದ್ದಕ್ಕೇ ದದ್ದು ಎದ್ದಿತ್ತು.

ಡೊಂಬಿವಲಿ_ಈಸ್ಟ್
ಬಿಳಿ ಮೊಟ್ಟೆ ಸಾಕು ಅಂತ ಇನ್ನೊಮ್ಮೆ ಹೇಳುತ್ತೇನೆ. ನಮ್ಮಲ್ಲಿ ಈಗ ₹7.

ಕೋಥ್ರೂಡ್_ಅಪ್ಪ
ನಮ್ಮಲ್ಲಿ ಟ್ರೇ ತೆಗೆದುಕೊಂಡರೆ ₹6.50. ಮೊಟ್ಟೆ ದರ ಹೇಳುವ ಎನ್‌ಇಸಿಸಿ ಅಂದರೆ ರಾಷ್ಟ್ರೀಯ ಮೊಟ್ಟೆ ಸಮನ್ವಯ ಸಮಿತಿಯ ಕಚೇರಿ ನಮ್ಮ ಪುಣೆಯಲ್ಲೇ ಇದೆ. ಸಂಸ್ಥೆ ಶುರುವಾಗಿದ್ದು 1982ರಲ್ಲಿ. ಊರೂರಿನ ದರ ದಿನಾ ಹಾಕುತ್ತಾರೆ, ನೂರು ಮೊಟ್ಟೆಯ ಲೆಕ್ಕದಲ್ಲಿ. ಅದನ್ನು ನೋಡಿ ಅಂಗಡಿಗೆ ಹೋದರೆ ಯಾರೂ ಟೋಪಿ ಹಾಕುವುದಿಲ್ಲ. ಚಳಿಗಾಲದಲ್ಲಿ ಏರುತ್ತದೆ.

ಮುಲುಂಡ್_ವೆಸ್ಟ್
ಅದು ಸಗಟು ದರ ಸರ್. ಆ ದರಕ್ಕೆ ನಮ್ಮ ಅಂಡಾವಾಲಾ ಕೊಡುತ್ತಾನಾ? ಟೆಂಪೋ ಬಾಡಿಗೆ, ಒಡೆದದ್ದು, ಅವನ ಲಾಭ ಯಾರು ಕೊಡುತ್ತಾರೆ?

ಮಾಟುಂಗಾ_ಅಜ್ಜಿ
ಕಂದು ಮೊಟ್ಟೆಯಲ್ಲಿ ಸತ್ವ ಜಾಸ್ತಿ. ಎರಡು ರೂಪಾಯಿ ನೋಡಬೇಡಿ.

ಕೋಥ್ರೂಡ್_ಅಪ್ಪ
ಓಡಿನ ಬಣ್ಣ ಕೋಳಿಯ ತಳಿಯಿಂದ ಬರುತ್ತದೆ ಅಜ್ಜಿ. ಸತ್ವಕ್ಕೂ ಅದಕ್ಕೂ ಸಂಬಂಧ ಇಲ್ಲ.

ಡೊಂಬಿವಲಿ_ಈಸ್ಟ್
ಇದನ್ನೇ ನಮ್ಮ ಯಜಮಾನರ ಗೆಳೆಯರಿಗೆ ಹೇಳಿ ಪುಣ್ಯ ಕಟ್ಟಿಕೊಳ್ಳಿ.

ಮಾಟುಂಗಾ_ಅಜ್ಜಿ
ನಾನು ಎಪ್ಪತ್ತು ದಾಟಿದವಳು. ಕೋಳಿ ಸಾಕಿದ ಮನೆಯಿಂದ ಬಂದವಳು. ನನಗೆ ಕೋಳಿಯ ಪಾಠ ಬೇಡ.

ಕೋಥ್ರೂಡ್_ಅಪ್ಪ
ಪಾಠ ಅಲ್ಲ ಅಜ್ಜಿ. ₹15 ಕೊಟ್ಟು ಮೋಸ ಹೋಗಬೇಡಿ ಅಂದೆ. ಇಲ್ಲೊಬ್ಬ ಬಿಳಿ ಮೊಟ್ಟೆಯನ್ನೇ ಚಹಾ ನೀರಲ್ಲಿ ಅದ್ದಿ ಗಾವ್ಠಿ ಅಂತ ಮಾರುತ್ತಿದ್ದ. ಒದ್ದೆ ಬಟ್ಟೆಯಲ್ಲಿ ಒರೆಸಿದೆ, ಬಣ್ಣ ಬಟ್ಟೆಗೆ ಬಂತು.

ಮುಲುಂಡ್_ವೆಸ್ಟ್
ಎಲ್ಲಿ ಸರ್? ಯಾವ ಕಡೆ? ನಾವು ಪುಣೆಗೆ ಬಂದಾಗೆಲ್ಲ ತರುತ್ತೇವೆ.