ಡಕ್‌ವೀಡ್, ಫ್ರಾಂಡ್, ಟ್ಯೂರಿಯಾನ್, ಕ್ಲೋನ್: ಕನ್ನಡದಲ್ಲಿ ಏನೆನ್ನೋಣ?

ಪ್ರಶ್ನೆ (ಪುಣೆಯಿಂದ)

ಬಳಗದ ಎಲ್ಲರಿಗೂ ನಮಸ್ಕಾರ. ಮುಂಬೈ, ಪುಣೆಯ ಕನ್ನಡ ಮಾಧ್ಯಮದ ಹೈಸ್ಕೂಲು ಮಕ್ಕಳಿಗಾಗಿ ಡಕ್‌ವೀಡ್ (ನೀರಿನ ಮೇಲೆ ತೇಲುವ ಪುಟ್ಟ ಹಸಿರು ಗಿಡ) ಪ್ರಯೋಗಗಳ ಕೈಪಿಡಿಯೊಂದು ತಯಾರಾಗುತ್ತಿದೆ. ನಾಲ್ಕು ಕಡೆ ಪದ ಸಿಗದೆ ನಿಂತಿದೆ. ಗಿಡಕ್ಕೆ ಕರಡಿನಲ್ಲಿ ಒಬ್ಬರು ‘ಪಾಚಿ’ ಎಂದಿದ್ದಾರೆ, ಒಬ್ಬರು ‘ಅಂತರಗಂಗೆ’, ಇನ್ನೊಬ್ಬರು ಇಲ್ಲಿನ ಮರಾಠಿ ಪತ್ರಿಕೆಗಳಲ್ಲಿ ಬರುವ ‘ಜಲಪರ್ಣಿ’. ಫ್ರಾಂಡ್‌ಗೆ, ಅಂದರೆ ಈ ಗಿಡದ ತೇಲುವ ಹಸಿರು ತಟ್ಟೆಗೆ, ‘ಎಲೆ’ ಸಾಕೇ? ಟ್ಯೂರಿಯಾನ್‌ಗೆ, ಅಂದರೆ ಕಷ್ಟಕಾಲಕ್ಕೆ ಅದು ಕಟ್ಟುವ ಮೊಗ್ಗಿಗೆ, ‘ಸುಪ್ತಮೊಗ್ಗು’ ಸರಿಹೋದೀತೇ? ಸ್ಪೀಷೀಸ್, ಸ್ಟ್ರೇನ್, ಕ್ಲೋನ್ ಮೂರಕ್ಕೂ ‘ತಳಿ’ ಎಂದೇ ಬರೆದಿದ್ದಾರೆ, ಅಡ್ಡಿಯಿಲ್ಲವೇ? ಕೊನೆಯ ಅಧ್ಯಾಯ ಜೈವಿಕ ತಂತ್ರಜ್ಞಾನದ್ದು, ಅಲ್ಲಿಯೂ ಇದೇ ಪದಗಳು ಬರುತ್ತವೆ.

ಉತ್ತರ (ಮುಂಬೈಯಿಂದ)

ಮೇಡಂ, ನಮಸ್ಕಾರ. ‘ಪಾಚಿ’ಯನ್ನು ದಯವಿಟ್ಟು ತೆಗೆಸಿಬಿಡಿ. ಪಾಚಿ, ಹಾವಸೆ ಎಂದರೆ ಹೂಬಿಡದ ಜೀವಿಗಳು. ಡಕ್‌ವೀಡ್ ಹೂಬಿಡುವ ಸಸ್ಯ, ಕೆಸುವಿನ ಕುಲದ ನೆಂಟ. ಇದೇ ಪ್ರಯೋಗದಲ್ಲಿ ನಿಜವಾದ ಪಾಚಿಯೂ ಶತ್ರುವಾಗಿ ಬರುತ್ತದೆ. ‘ಪಾಚಿ ಬಂದರೆ ನೀರು ಬದಲಿಸಿ’ ಎಂದು ಬರೆದಲ್ಲಿ ಮಕ್ಕಳು ಗಿಡವನ್ನೇ ಚೆಲ್ಲಿಬಿಡುತ್ತಾರೆ. ಅಂತರಗಂಗೆ ಎಂದರೆ ಅಂಗೈಯಗಲ ಎಲೆಗೊಂಚಲಿನ ಪಿಸ್ಟಿಯಾ. ಕೆಲವು ಊರುಗಳಲ್ಲಿ ನೇರಳೆ ಹೂವಿನ ಐಕಾರ್ನಿಯಾಕ್ಕೂ ಅದೇ ಹೆಸರು. ಪುಣೆಯ ಪತ್ರಿಕೆಗಳು ಪಾಷಾಣ್ ಕೆರೆ, ಮುಳಾ ನದಿಯ ಸುದ್ದಿಯಲ್ಲಿ ಬರೆಯುವ ಜಲಪರ್ಣಿಯೂ ಈ ಐಕಾರ್ನಿಯಾವೇ. ಪದ ಚೆನ್ನಾಗಿದೆ, ಆದರೆ ಬೇರೆ ಗಿಡಕ್ಕೆ ಆಗಲೇ ಸಂದುಹೋಗಿದೆ. ‘ಬಾತುಕಳೆ’ ಎಂದು ಹೊಸದಾಗಿ ಕಟ್ಟುವುದೂ ನನಗೆ ಒಪ್ಪಿಗೆಯಿಲ್ಲ: ಬೆಳೆಯಾಗಿ ಬೆಳೆಸುವ ಅಧ್ಯಾಯದಲ್ಲಿ ಅದನ್ನು ಕಳೆ ಎನ್ನುವುದು ಹೇಗೆ? ಡಕ್‌ವೀಡ್ ಎಂದೇ ಇರಲಿ. ಡಕ್‌ವೀಡ್‌ನ ಐದು ಪಂಗಡಗಳ (ಜೀನಸ್) ಹೆಸರೂ ಕನ್ನಡ ಲಿಪಿಯಲ್ಲಿ ಹಾಗೇ ಬರಲಿ: ಸ್ಪೈರೊಡೆಲಾ, ಲ್ಯಾಂಡೋಲ್ಟಿಯಾ, ಲೆಮ್ನಾ, ವುಲ್ಫಿಯೆಲ್ಲಾ, ವುಲ್ಫಿಯಾ.

ಫ್ರಾಂಡ್‌ಗೆ ‘ಎಲೆ’ ಎಂದರೆ ಗಿಡದ ರಚನೆಯೇ ತಪ್ಪಾಗಿ ತಿಳಿಯುತ್ತದೆ. ಒಂದು ಸ್ಪೈರೊಡೆಲಾವನ್ನು ಬಿಳಿ ಬಸಿಯಲ್ಲಿ ನೀರು ಹಾಕಿ ಬಿಟ್ಟು ಭೂತಗನ್ನಡಿಯಲ್ಲಿ ನೋಡಿಸಿ. ಕಾಂಡ ಬೇರೆ, ಎಲೆ ಬೇರೆ ಎಂಬುದು ಅಲ್ಲಿಲ್ಲ. ಎರಡೂ ಕೂಡಿಕೊಂಡ ಒಂದು ಹಸಿರು ತಟ್ಟೆ ಇದೆ. ಮಗುಚಿದರೆ ಅಡಿಭಾಗ ಕೆಂಪು, ನಡುವಿನಿಂದ ಇಳಿದ ಬೇರುಗಳ ಗೊಂಚಲು. ಬೇರು ಹುಟ್ಟುವ ಜಾಗದ ಎಡಬಲಕ್ಕೆ ಒಂದೊಂದು ಸಣ್ಣ ಚೀಲ. ಒಮ್ಮೆ ಈ ಚೀಲದಿಂದ, ಮತ್ತೊಮ್ಮೆ ಆ ಚೀಲದಿಂದ ಮರಿ ಹೊರಬರುತ್ತದೆ, ಕೂದಲಿನಷ್ಟು ತೆಳುವಾದ ತೊಟ್ಟಿನಲ್ಲಿ ತಾಯಿಗೆ ಅಂಟಿಕೊಂಡಿರುತ್ತದೆ, ಬಲಿತ ಮೇಲೆ ಕಳಚಿಕೊಳ್ಳುತ್ತದೆ. ಹೊರಬರುವ ಮೊದಲೇ ಆ ಮರಿಯ ಚೀಲದೊಳಗೆ ಮುಂದಿನ ತಲೆಮಾರು ಶುರುವಾಗಿರುತ್ತದೆ. ಎಲೆಗೆ ಈ ಶಕ್ತಿ ಎಲ್ಲಿದೆ? ಇದಕ್ಕೆ ‘ಬಿಲ್ಲೆ’ ಎಂಬುದು ನನ್ನ ಸಲಹೆ. ತಾಯಿಬಿಲ್ಲೆ, ಮರಿಬಿಲ್ಲೆ, ಬಿಲ್ಲೆಗುಂಪು ಎಂದು ಅದು ಸಲೀಸಾಗಿ ಬೆಳೆಯುತ್ತದೆ. ಗುರುತು ಹಿಡಿಯುವ ಸಾಲನ್ನೂ ಹೀಗೇ ಬರೆಯಬಹುದು: ಲೆಮ್ನಾ ಬಿಲ್ಲೆಗೆ ಬೇರು ಒಂದೇ, ಲ್ಯಾಂಡೋಲ್ಟಿಯಾಕ್ಕೆ ಕೆಲವು, ಸ್ಪೈರೊಡೆಲಾಕ್ಕೆ ಸಾಮಾನ್ಯವಾಗಿ ಏಳಕ್ಕಿಂತ ಹೆಚ್ಚು, ಗಸಗಸೆ ಕಾಳಿನಂಥ ವುಲ್ಫಿಯಾಕ್ಕೆ ಬೇರೇ ಇಲ್ಲ, ಚೀಲವೂ ಒಂದೇ.

ಎಣಿಕೆಯೂ ಈ ಪದದ ಮೇಲೆಯೇ ನಿಂತಿದೆ. ರಾಸಾಯನಿಕವೊಂದು ಎಷ್ಟು ವಿಷಕಾರಿ ಎಂದು ಲೆಮ್ನಾದ ಬೆಳವಣಿಗೆಯಿಂದ ನೋಡುವ ಪರೀಕ್ಷೆಗೆ ಒಇಸಿಡಿ (ಆರ್ಥಿಕ ಸಹಕಾರ ಮತ್ತು ಅಭಿವೃದ್ಧಿ ಸಂಸ್ಥೆ) ಹಾಕಿಕೊಟ್ಟ ಅಂತಾರಾಷ್ಟ್ರೀಯ ಕ್ರಮ 221ರಲ್ಲಿ 9ರಿಂದ 12 ಬಿಲ್ಲೆಗಳಿಂದ ಶುರುಮಾಡಿ, 24 ಡಿಗ್ರಿ ಸೆಲ್ಸಿಯಸ್ ಆಸುಪಾಸಿನಲ್ಲಿ 7 ದಿನ ಬೆಳೆಸುತ್ತಾರೆ. ತಾಯಿಯ ಅಂಚು ದಾಟಿ ಕಣ್ಣಿಗೆ ಬಿದ್ದ ಮರಿಯೆಲ್ಲ ಲೆಕ್ಕಕ್ಕೆ ಸೇರುತ್ತದೆ, ಎಷ್ಟೇ ಚಿಕ್ಕದಿರಲಿ. ವಿಷ ಬೆರೆಸದ ಪಾತ್ರೆಯಲ್ಲಿ ಇಮ್ಮಡಿ ಅವಧಿ (ಬಿಲ್ಲೆಗಳು ಎರಡರಷ್ಟಾಗಲು ಹಿಡಿಯುವ ಕಾಲ) ಎರಡೂವರೆ ದಿನದೊಳಗಿರಬೇಕು, ಅಂದರೆ 10 ಬಿಲ್ಲೆ ವಾರದಲ್ಲಿ 70ರಷ್ಟಾಗಬೇಕು. 7ರ ಸಹಜ ಲಾಗರಿದಮ್ 1.946, ಅದನ್ನು 7 ದಿನದಿಂದ ಭಾಗಿಸಿದರೆ ದಿನದ ಬೆಳವಣಿಗೆ ದರ 0.278, 2ರ ಸಹಜ ಲಾಗರಿದಮ್ 0.693ನ್ನು ಅದರಿಂದ ಭಾಗಿಸಿದರೆ ಇಮ್ಮಡಿ ಅವಧಿ 2.49 ದಿನ. ಮಕ್ಕಳು ಬಿಲ್ಲೆಯ ಬದಲು ‘ಗಿಡ’ ಎಣಿಸಿದರೆ ಲೆಕ್ಕವೇ ಕೆಡುತ್ತದೆ. ನಾಲ್ಕು ಬಿಲ್ಲೆಯ ಗುಂಪು ಒಂದು ಗಿಡವಾಗುತ್ತದೆ. ತಾಮ್ರದಂಥ ವಿಷ ತಗಲಿ ಗುಂಪು ಒಡೆದರೆ ಅದೇ ನಾಲ್ಕು ಗಿಡ. ಸಾಯುತ್ತಿರುವ ಪಾತ್ರೆಯಲ್ಲಿ ಬೆಳವಣಿಗೆ ಕಂಡಂತಾಗುತ್ತದೆ. ಬಿಲ್ಲೆಗಳು ಒಂದೇ ಪದರವಾಗಿ ತೇಲುವಷ್ಟು ಜಾಗವಿರಲಿ; ಒಂದರ ಮೇಲೊಂದು ಏರಿದರೆ ಬೆಳಕು ಸಿಗದೆ ದರ ಕುಸಿಯುತ್ತದೆ. ನಲ್ಲಿನೀರಾದರೆ ಒಂದು ರಾತ್ರಿ ಅಗಲ ಪಾತ್ರೆಯಲ್ಲಿ ತೆರೆದಿಟ್ಟು ಕ್ಲೋರಿನ್ ಕಳೆದ ಮೇಲೆ ಬಳಸಿ. ಹೊಸ ಮರಿಗಳು ಬಿಳಿಚಿಕೊಂಡು ಹುಟ್ಟಿದರೆ ಪಿಎಚ್ ನೋಡಿ. ಅದು ಏರಿದಾಗ ಕಬ್ಬಿಣ ನೀರಿನಲ್ಲಿದ್ದರೂ ಗಿಡಕ್ಕೆ ದಕ್ಕುವುದಿಲ್ಲ.

‘ಸುಪ್ತಮೊಗ್ಗು’ ತಪ್ಪಲ್ಲ. ಆದರೆ ಮರದ ತೊಗಟೆಯಡಿ ಮಲಗಿರುವ ಮೊಗ್ಗಿಗೂ ಅದೇ ಪದ. ಟ್ಯೂರಿಯಾನ್‌ನ ವಿಶೇಷ ಮುಳುಗುವುದು. ನೀರಿನಲ್ಲಿ ಫಾಸ್ಫೇಟ್ ಮುಗಿದಾಗ ಇಲ್ಲವೇ ಚಳಿ ಬಿದ್ದಾಗ ಸ್ಪೈರೊಡೆಲಾ ಮಾಮೂಲಿ ಮರಿಯ ಬದಲು ದಪ್ಪನೆಯ, ಕಂದುಹಸಿರಿನ ಪುಟ್ಟ ಮೊಗ್ಗು ಕಟ್ಟುತ್ತದೆ. ಒಳಗೆ ಪಿಷ್ಟ ತುಂಬಿ ಗಾಳಿಗೂಡು ಕಡಿಮೆಯಾಗಿರುವುದರಿಂದ ಅದು ತಳ ಸೇರುತ್ತದೆ. ಹಾಗಾಗಿ ‘ಮುಳುಗುಮೊಗ್ಗು’ ಎನ್ನೋಣ. ಮುಂಬೈಯಂಥ ಸೆಕೆಯ ಊರಲ್ಲೂ ಹಳೆಯ ಪಾತ್ರೆಯ ಗೊಬ್ಬರ ಬತ್ತಿದರೆ ಇದು ಆದೀತು. ಮೇಲೆ ಖಾಲಿ ಕಂಡಿತೆಂದು ನೀರು ಚೆಲ್ಲಬಾರದು. ಗಟ್ಟಿಯಾಗಿರುವ ಗಾಢ ಕಾಳುಗಳು ಜೀವಂತ, ಮೆತ್ತಗೆ ಬಿಳಿಚಿಕೊಂಡಿರುವುವು ಸತ್ತ ಬಿಲ್ಲೆ. ಎಲ್ಲ ಪ್ರಭೇದಗಳೂ ಇದನ್ನು ಕಟ್ಟುವುದಿಲ್ಲ ಎಂಬ ಸಾಲೊಂದು ಸೇರಿಸಿ.

‘ತಳಿ’ ಮೂರಕ್ಕೂ ಬೇಡ, ಇದರಲ್ಲಿ ನಾನು ರಾಜಿಯಾಗಲಾರೆ. ಸ್ಪೀಷೀಸ್‌ಗೆ ‘ಪ್ರಭೇದ’ ಇದೆ. ತಳಿ ಎಂದರೆ ರೈತನ ಬಾಯಲ್ಲಿ ಆಯ್ದು, ಅಡ್ಡಹಾಯಿಸಿ ಪಡೆದದ್ದು. ಡಕ್‌ವೀಡ್ ಹೆಚ್ಚಾಗಿ ಬೀಜವಿಲ್ಲದೆ, ಒಂದೇ ಬಿಲ್ಲೆಯಿಂದ ಲಕ್ಷವಾಗುತ್ತದೆ. ಆ ಲಕ್ಷವೂ ಒಂದು ‘ಕ್ಲೋನ್’. ಸಂಗ್ರಹಗಳಲ್ಲಿ ಪ್ರತಿ ಕ್ಲೋನಿಗೂ ನಾಲ್ಕಂಕಿಯ ಸಂಖ್ಯೆ ಇರುತ್ತದೆ. 2014ರಲ್ಲಿ ಜೀನೋಮ್ (ಗಿಡದ ಪೂರ್ತಿ ಡಿಎನ್‌ಎ) ಓದಿದ್ದು ಸ್ಪೈರೊಡೆಲಾ ಪಾಲಿರೈಜಾ ಪ್ರಭೇದದ 7498 ಸಂಖ್ಯೆಯ ಕ್ಲೋನಿನದು: ಸುಮಾರು 15.8 ಕೋಟಿ ಅಕ್ಷರಜೋಡಿ, 19,623 ವಂಶವಾಹಿ. ಇದನ್ನು ‘7498 ತಳಿ’ ಎಂದರೆ ಯಾರೋ ಸುಧಾರಿಸಿ ಬಿಡುಗಡೆ ಮಾಡಿದ ಬೆಳೆಯೆಂದು ಓದುಗ ತಿಳಿಯುತ್ತಾನೆ. ‘ತದ್ರೂಪಿ’ಯನ್ನೂ ಬಿಡಿ, ಅದು ಕುರಿಮರಿ ಡಾಲಿಯ ಕಥೆಗೆ ಅಂಟಿಕೊಂಡಿದೆ. ಸ್ಟ್ರೇನ್ ಎಂಬುದು ಡಕ್‌ವೀಡ್ ಬರಹದಲ್ಲಿ ಬಹುಪಾಲು ಕ್ಲೋನಿನ ಅರ್ಥದಲ್ಲೇ ಬರುತ್ತದೆ, ಬೇರೆ ಪದ ಬೇಕಿಲ್ಲ.

ಕೆರೆಯಿಂದ ಮೊಗೆದು ತಂದ ಡಬ್ಬಿಯಲ್ಲಿ ಹಲವು ಕ್ಲೋನ್ ಇರಬಹುದು. ಒಂದೇ ಬಿಲ್ಲೆಯಿಂದ ಶುರುಮಾಡಿದರೆ ಮಾತ್ರ ಕ್ಲೋನ್ ಎಂಬ ಮಾತು ಸತ್ಯ. ಅದನ್ನು ಸೂಕ್ಷ್ಮಾಣುಮುಕ್ತ ಮಾಡಲು 0.5% ಸೋಡಿಯಂ ಹೈಪೊಕ್ಲೋರೈಟ್‌ನಲ್ಲಿ ಮುಳುಗಿಸಿ, 1, 2, 3 ನಿಮಿಷಕ್ಕೆ ಕೆಲವನ್ನು ಬೇರೆ ಬೇರೆಯಾಗಿ ತೆಗೆದು, ಕುದಿಸಿ ಶುದ್ಧಮಾಡಿದ ನೀರಿನಲ್ಲಿ ತೊಳೆದು, 0.5% ಸಕ್ಕರೆ ಬೆರೆಸಿದ ಪೋಷಕಾಂಶದ ದ್ರಾವಣದಲ್ಲಿ ಒಂದೊಂದು ಕೊಳವೆಗೆ ಒಂದೊಂದರಂತೆ ಬಿಡುತ್ತಾರೆ. ಬಿಲ್ಲೆಯ ಬಹುಭಾಗ ಬೆಳ್ಳಗಾದರೆ ಗಾಬರಿ ಬೇಡ. ಚೀಲದೊಳಗಿನ ಬೆಳೆಯುವ ಅಂಗಾಂಶ ಉಳಿದಿದ್ದರೆ ಅಲ್ಲಿಂದ ಹಸಿರು ಮರಿ ಬರುತ್ತದೆ. ಸಕ್ಕರೆ ಇರುವುದರಿಂದ ಬ್ಯಾಕ್ಟೀರಿಯಾ ಉಳಿದಿದ್ದರೆ ನೀರು ಬೇಗ ಕದಡಿ ತಿಳಿದುಹೋಗುತ್ತದೆ. ಇದು ಶಿಕ್ಷಕರ ಕೈಯ ಕೆಲಸ, ಮಕ್ಕಳದ್ದಲ್ಲ.

‘ಸಂಕರ’ ಪದ ಒಂದೆಡೆ ಬೇಕಾಗುತ್ತದೆ. ಲೆಮ್ನಾ ಜಪೋನಿಕಾ ಎಂಬುದು ಲೆಮ್ನಾ ಮೈನರ್ ಮತ್ತು ಲೆಮ್ನಾ ಟ್ಯೂರಿಯೋನಿಫೆರಾಗಳ ಸಂಕರ. ಕಣ್ಣಿಗೆ ವ್ಯತ್ಯಾಸ ಸಿಗದು, ಹರಿತ್ತುಕಣದ (ಕ್ಲೋರೋಪ್ಲಾಸ್ಟ್) ಡಿಎನ್‌ಎ ಬಾರ್‌ಕೋಡ್, ಅಂದರೆ ಪ್ರಭೇದ ಗುರುತಿಸಲು ಓದುವ ಡಿಎನ್‌ಎ ತುಣುಕು, ತಾಯಿಯ ಕಡೆಯನ್ನಷ್ಟೇ ಹೇಳುತ್ತದೆ. ಕೋಶಕೇಂದ್ರದ ಡಿಎನ್‌ಎ ನೋಡಿದರೇ ಎರಡೂ ಕಡೆ ಕಾಣುವುದು.

ಕೊನೆಯ ಅಧ್ಯಾಯಕ್ಕೆ ‘ಕುಲಾಂತರಿ’ ಚಾಲ್ತಿಯಲ್ಲಿದೆ, ಬಳಸಿ. ಆದರೆ ಹೊರಗಿನ ವಂಶವಾಹಿ ಸೇರಿಸಿದ ಕ್ಲೋನಿಗೆ ಮಾತ್ರ. 2006ರಲ್ಲಿ ಲೆಮ್ನಾಕ್ಕೆ ಹೊರಗಿನ ವಂಶವಾಹಿ ಸೇರಿಸಿ ಪ್ರತಿಕಾಯ (ಆಂಟಿಬಾಡಿ) ತಯಾರಿಸಿದಾಗ, ಸಸ್ಯಗಳು ಪ್ರೋಟೀನಿಗೆ ಅಂಟಿಸುವ ಫ್ಯೂಕೋಸ್, ಝೈಲೋಸ್ ಸಕ್ಕರೆಗಳನ್ನು ತಡೆಯಲು ಎರಡು ಕಿಣ್ವಗಳ ವಂಶವಾಹಿಗಳನ್ನು ಆರ್‌ಎನ್‌ಎ ತಂತ್ರದಿಂದ ಅಡಗಿಸಿದ್ದರು; ಅದು ಕುಲಾಂತರಿ. 2022ರಲ್ಲಿ ಲೆಮ್ನಾ ಜಪೋನಿಕಾದಲ್ಲಿ ಎಣ್ಣೆ ತುಂಬಿಸಿದ್ದೂ ಕುಲಾಂತರಿಯೇ. ಥಾಯ್ಲೆಂಡಿನಲ್ಲಿ ಖೈ ನಾಮ್ ಎಂದು ಉಣ್ಣುವ ವುಲ್ಫಿಯಾ ಕುಲಾಂತರಿಯಲ್ಲ, ಅದು ಇದ್ದ ಹಾಗೇ ಬೆಳೆದದ್ದು. ಆ ಪುಟದಲ್ಲಿ ಒಂದು ಎಚ್ಚರಿಕೆ ಕಡ್ಡಾಯ: ಡಕ್‌ವೀಡ್ ನೀರಿನ ಭಾರಲೋಹಗಳನ್ನು ಹೀರಿಕೊಳ್ಳುತ್ತದೆ, ಪವಯಿ ಕೆರೆಯದೋ ಪಾಷಾಣ್ ಕೆರೆಯದೋ ಯಾರೂ ಬಾಯಿಗಿಡಬಾರದು. ನಮ್ಮ ದೇಶದ ವುಲ್ಫಿಯಾ ಮೈಕ್ರೋಸ್ಕೋಪಿಕಾಕ್ಕೂ ಜಾಗ ಕೊಡಿ. ಇಮ್ಮಡಿ ಅವಧಿ ಸುಮಾರು 30 ಗಂಟೆ. ದೆಹಲಿ ವಿಶ್ವವಿದ್ಯಾಲಯದಲ್ಲಿ ಸತೀಶ್ ಮಾಹೇಶ್ವರಿಯವರ ತಂಡ 1960ರ ದಶಕದಲ್ಲೇ ಅದನ್ನು ಬೇಕೆಂದಾಗ ಹೂಬಿಡಿಸಿ ಅಭ್ಯಾಸ ಮಾಡಿತ್ತು.

ಪ್ರಯೋಗ ಮುಗಿದ ಬಿಲ್ಲೆಗಳನ್ನು ಚರಂಡಿಗಾಗಲಿ ಕೆರೆಗಾಗಲಿ ಬಿಡಬಾರದು, ಬಿಸಿಲಿನಲ್ಲಿ ಗರಿಗರಿಯಾಗಿ ಒಣಗಿಸಿ ಆಮೇಲೆ ಎಸೆಯಬೇಕು ಎಂದು ಪ್ರಯೋಗದ ಪುಟದಲ್ಲೇ ಅಚ್ಚುಮಾಡಿಸಿ. ಮುಳುಗುಮೊಗ್ಗು ತಳದಲ್ಲಿದ್ದೀತು, ಪಾತ್ರೆಯ ಅಡಿಯನ್ನೂ ಸೋಸಿಕೊಳ್ಳಲಿ.