ಉಣ್ಣೆ, ಉಣ್ಣಿ, ಉಣುಗು: ಕರಪತ್ರದಲ್ಲಿ ಯಾವ ಹೆಸರನ್ನು ಬರೆಯಬೇಕು?

ಪ್ರಶ್ನೆ: ಬೆಟ್ಟದಂಚು, ಶಿರಸಿ

ನಮ್ಮ ಊರಿನ ಹಾಲು ಸಂಘದ ಸದಸ್ಯರಿಗೂ ಶಾಲೆಯ ಮಕ್ಕಳಿಗೂ ಹಂಚುವುದಕ್ಕಾಗಿ ಮಂಗನ ಕಾಯಿಲೆಯ ಕುರಿತು ಒಂದು ಪುಟದ ಕರಪತ್ರವನ್ನು ಬರೆದುಕೊಡುವ ಹೊಣೆ ನನ್ನ ಮೇಲೆ ಬಂದಿದೆ. ಮಳೆ ಬಿಟ್ಟು, ಗದ್ದೆ ಕೊಯ್ಲು ಮುಗಿದು, ಜನ ದರಕು (ಉದುರಿದ ಒಣ ಎಲೆ) ಒಟ್ಟಲು ಬೆಟ್ಟಕ್ಕೆ ಹೋಗತೊಡಗುವ ಮೊದಲೇ ಅದು ಮನೆಮನೆಗೆ ಮುಟ್ಟಬೇಕೆಂಬುದು ಎಲ್ಲರ ಅಪೇಕ್ಷೆ. ಆದರೆ ದನ ನಾಯಿಗಳ ಮೈಗೆ ಹತ್ತಿ ರಕ್ತ ಹೀರುವ, ರೋಗವನ್ನು ಹರಡುವ ಆ ಜೀವಿಯನ್ನು ಯಾವ ಹೆಸರಿನಿಂದ ಕರೆಯಬೇಕೆಂಬಲ್ಲಿಯೇ ಕೆಲಸ ನಿಂತುಕೊಂಡಿದೆ.

ಪತ್ರಿಕೆಗಳು ಹೆಚ್ಚಾಗಿ ‘ಉಣ್ಣೆ’ ಎಂದು ಬರೆಯುತ್ತವೆ. ಕೆಲವೆಡೆ ‘ಉಣ್ಣಿ’ ಎಂಬುದನ್ನೂ ಕಂಡಿದ್ದೇನೆ. ನಮ್ಮ ಕೊಟ್ಟಿಗೆಗಳಲ್ಲಿ ಅದು ‘ಉಣುಗು’, ಕೆಲವರ ಬಾಯಲ್ಲಿ ‘ಉಣಗು’. ಕರಡನ್ನು ಶಾಲೆಯಲ್ಲಿ ಓದಿ ಹೇಳಿದಾಗ ಐದನೆಯ ತರಗತಿಯ ಹುಡುಗಿಯೊಬ್ಬಳು, ಉಣ್ಣೆ ಎಂದರೆ ಕುರಿಯ ಮೈಮೇಲಿನ ಕೂದಲಲ್ಲವೇ, ಅದು ಕಚ್ಚುವುದು ಹೇಗೆ ಎಂದು ಕೇಳಿದಳು. ನಾನು ಆಗ ‘ಇದು ಬೇರೆ ಉಣ್ಣೆ’ ಎಂದು ಹೇಳಿದೆನಾದರೂ, ಕರಪತ್ರವನ್ನು ಕೈಯಲ್ಲಿ ಹಿಡಿದು ಓದುವವರ ಪಕ್ಕದಲ್ಲಿ ಹಾಗೆ ಬಿಡಿಸಿ ಹೇಳಲು ಯಾರೂ ಇರುವುದಿಲ್ಲ.

ಈ ಎರಡು ಉಣ್ಣೆಗಳಿಗೆ ಏನಾದರೂ ಸಂಬಂಧವಿದೆಯೇ? ಉಣ್ಣೆ, ಉಣ್ಣಿ, ಉಣುಗು ಎಂಬವು ಒಂದೇ ಜೀವಿಯ ಹೆಸರುಗಳೇ ಅಥವಾ ಸೂಕ್ಷ್ಮವಾದ ವ್ಯತ್ಯಾಸವೇನಾದರೂ ಇದೆಯೇ? ಅದನ್ನು ‘ಪರಾವಲಂಬಿ ಕೀಟ’ ಎಂದು ಬರೆದರೆ ಶಾಸ್ತ್ರಕ್ಕೆ ಒಪ್ಪುತ್ತದೆಯೇ ಎಂಬುದನ್ನೂ ತಿಳಿದವರು ಹೇಳಬೇಕೆಂದು ಕೋರುತ್ತೇನೆ.

ಉತ್ತರ: ಅಘನಾಶಿನಿ, ಕುಮಟಾ

ಬೆಟ್ಟದಂಚು ಅವರೇ, ಆ ಹುಡುಗಿ ಕೇಳಿದ್ದು ಬಹಳ ಒಳ್ಳೆಯ ಪ್ರಶ್ನೆ. ಎರಡು ಉಣ್ಣೆಗಳೂ ಉಚ್ಚಾರಣೆಯಲ್ಲಿ ಒಂದಾಗಿದ್ದರೂ ಅವುಗಳ ಮೂಲ ಪೂರ್ತಿಯಾಗಿ ಬೇರೆ. ಕುರಿಯ ಉಣ್ಣೆ ಸಂಸ್ಕೃತದ ‘ಊರ್ಣಾ’ ಎಂಬುದು ಪ್ರಾಕೃತದಲ್ಲಿ ‘ಉಣ್ಣಾ’ ಎಂದಾಗಿ ನಮ್ಮಲ್ಲಿಗೆ ಬಂದ ತದ್ಭವ. ರಕ್ತ ಹೀರುವ ಉಣ್ಣೆಯಾದರೋ ದ್ರಾವಿಡದ್ದೇ ಆದ ‘ಉಣ್’ ಧಾತುವಿನ ಬಳಗಕ್ಕೆ ಸೇರಿದ್ದು. ನಾವು ಊಟ ಮಾಡುವುದಕ್ಕೆ ಹೇಳುವ ‘ಉಣ್ಣು’ ಎಂಬ ಕ್ರಿಯಾಪದವೇ ಅದರೊಳಗೆ ಇದೆ. ತಮಿಳಿನಲ್ಲಿ ಇದು ಇನ್ನೂ ಸ್ಪಷ್ಟವಾಗಿ ಉಳಿದಿದೆ. ಅಲ್ಲಿ ‘ಉಣ್ಣಿ’ ಎಂದರೆ ದನ ನಾಯಿಗಳ ಮೈಗೆ ಹತ್ತುವ ಇದೇ ಜೀವಿ, ಜೊತೆಗೆ ‘ಉಣ್ಣುವುದು’ ಎಂಬ ಸಾಮಾನ್ಯ ಅರ್ಥವೂ ಅದಕ್ಕಿದೆ; ಮಾಂಸಾಹಾರಿ ಪ್ರಾಣಿಯನ್ನು ‘ಊನುಣ್ಣಿ’ ಎನ್ನುತ್ತಾರೆ, ನಾವು ಪರಾವಲಂಬಿ ಎನ್ನುವುದಕ್ಕೆ ಅಲ್ಲಿ ‘ಒಟ್ಟುಣ್ಣಿ’, ಅಂದರೆ ಅಂಟಿಕೊಂಡು ಉಣ್ಣುವುದು, ಎಂಬ ಮಾತಿದೆ. ಇಂಥ ಅಚ್ಚುಕಟ್ಟಾದ ಶಾಸ್ತ್ರೀಯ ಪದ ನಮ್ಮಲ್ಲಿಯೂ ಬೆಳೆಯಬಹುದಿತ್ತು ಎಂದು ನನಗೆ ಆಗಾಗ ಅನ್ನಿಸಿದೆ.

ಉಣ್ಣೆ, ಉಣ್ಣಿ, ಉಣುಗು ಮೂರೂ ಒಂದೇ ಜೀವಿಯ ಹೆಸರುಗಳು. ಪ್ರದೇಶ ಬದಲಾದಂತೆ ರೂಪ ಬದಲಾಗಿದೆ, ಅಷ್ಟೇ. ‘ಉಣ್ಣೆ’ ಹಳೆಯ ಬಳಕೆಯುಳ್ಳದ್ದು. ಕೆಚ್ಚಲಿಗೇ ಕಚ್ಚಿಕೊಂಡಿದ್ದರೂ ಉಣ್ಣೆಗೆ ಹಾಲಿನ ರುಚಿ ತಿಳಿಯದು, ಅದು ಬಯಸುವುದು ರಕ್ತವನ್ನೇ ಎಂಬ ದೃಷ್ಟಾಂತವನ್ನು ಪ್ರವಚನಗಳಲ್ಲಿ ಈಗಲೂ ಕೇಳುತ್ತೇವೆ. ಅಲ್ಲಿ ಕೆಚ್ಚಲು, ಹಾಲು, ರಕ್ತ ಎಂಬ ಮಾತುಗಳು ಜೊತೆಗಿರುವುದರಿಂದ ಕೇಳುವವರಿಗೆ ಕುರಿಯ ಉಣ್ಣೆ ನೆನಪಿಗೆ ಬರುವುದೇ ಇಲ್ಲ. ‘ಉಣ್ಣೆಯಿಂದ ಎಚ್ಚರ’ ಎಂಬ ಬಿಡಿ ಶೀರ್ಷಿಕೆಗೆ ಆ ಆಸರೆ ಇಲ್ಲ. ಆದ್ದರಿಂದ ಕರಪತ್ರದಲ್ಲಿ ‘ಉಣುಗು’ ಎಂಬುದನ್ನೇ ಮುಖ್ಯ ಹೆಸರಾಗಿ ಬಳಸಿ, ಮೊದಲ ಬಾರಿ ಬರೆಯುವಾಗ ಮಾತ್ರ ‘ಉಣ್ಣೆ ಎಂದೂ ಕರೆಯುವ’ ಎಂದು ಸೇರಿಸಿದರೆ ಪತ್ರಿಕೆ ಓದುವವರಿಗೂ ಗೊಂದಲವಾಗದು.

ಹೆಸರಿನ ವಿಷಯ ಬಂದುದರಿಂದ ಇನ್ನೊಂದು ಸಂಗತಿಯನ್ನೂ ಹೇಳುತ್ತೇನೆ. ನಮ್ಮ ಹಿತ್ತಲಿನ ಔಡಲ ಗಿಡದ ಶಾಸ್ತ್ರೀಯ ನಾಮ ರಿಸಿನಸ್ ಕಮ್ಯುನಿಸ್. ಲ್ಯಾಟಿನ್ ಭಾಷೆಯಲ್ಲಿ ‘ರಿಸಿನಸ್’ ಎಂದರೆ ಉಣುಗು. ರಕ್ತ ಕುಡಿದು ಉಬ್ಬಿದ ಉಣುಗಿನ ಹಾಗೆ ಔಡಲ ಬೀಜ ಕಾಣುತ್ತದೆಂದು ರೋಮನ್ನರು ಗಿಡಕ್ಕೆ ಆ ಹೆಸರನ್ನಿಟ್ಟರು. ಬೀಜವನ್ನು ಅಂಗೈಯಲ್ಲಿಟ್ಟು ನೋಡಿದರೆ ಅದರ ಬೂದುಬಣ್ಣದ ನುಣುಪು, ತುದಿಯಲ್ಲಿರುವ ತಲೆಯಂಥ ಸಣ್ಣ ಗಂಟು ಎಲ್ಲವೂ ಹೋಲಿಕೆಗೆ ಒದಗುತ್ತವೆ.

ಉತ್ತರ: ಕೊಟ್ಟಿಗೆ ವೈದ್ಯ, ಹೊನ್ನಾವರ

ಮೇಲಿನ ವಿವರಣೆಯನ್ನು ಓದಿ ಸಂತೋಷವಾಯಿತು. ಜಾನುವಾರುಗಳ ಚಿಕಿತ್ಸೆಯಲ್ಲಿ ತೊಡಗಿರುವವನಾಗಿ ಉಳಿದ ಪ್ರಶ್ನೆಗೆ ಉತ್ತರಿಸುತ್ತೇನೆ.

ಉಣುಗು ಕೀಟವಲ್ಲ. ಹೇನು, ಕೂರೆ, ಚಿಗಟ, ತಿಗಣೆ ಇವೆಲ್ಲ ಆರು ಕಾಲಿನ ಕೀಟಗಳು. ಉಣುಗು ಜೇಡ, ಚೇಳು, ನುಸಿಗಳ ವರ್ಗಕ್ಕೆ ಸೇರಿದ್ದು. ಬೆಳೆದ ಉಣುಗಿಗೆ ಎಂಟು ಕಾಲುಗಳು, ಮೀಸೆಯೂ ಇಲ್ಲ, ರೆಕ್ಕೆಯೂ ಇಲ್ಲ. ಮೊಟ್ಟೆಯಿಂದ ಆಗತಾನೆ ಹೊರಬಂದ ಮರಿಗೆ ಮಾತ್ರ ಆರೇ ಕಾಲುಗಳಿರುತ್ತವೆ, ಒಮ್ಮೆ ಪೊರೆ ಕಳಚಿದ ಮೇಲೆ ಎಂಟಾಗುತ್ತವೆ. ದನದ ರೋಮದ ನಡುವೆ ಚಪ್ಪಟೆಯಾಗಿ ಅಂಟಿ ಕೂತು, ಹಿಡಿಯಲು ಹೋದರೆ ಅಡ್ಡಡ್ಡ ಸರಿದು ಹಾರಿಹೋಗುವ ಗಟ್ಟಿ ಮೈಯ ನೊಣವೊಂದಿದೆ. ಅದು ಕೀಟವೇ, ರಕ್ತವನ್ನೂ ಹೀರುತ್ತದೆ, ಆದರೆ ಉಣುಗಲ್ಲ. ಕರಪತ್ರದಲ್ಲಿ ‘ಪರಾವಲಂಬಿ ಕೀಟ’ ಎಂಬುದರ ಬದಲಾಗಿ ‘ರಕ್ತ ಹೀರುವ ಸಣ್ಣ ಜೀವಿ’ ಎಂದು ಬರೆದರೆ ತಪ್ಪಾಗದು, ಎಲ್ಲರಿಗೂ ಅರ್ಥವೂ ಆಗುತ್ತದೆ.

ಆದರೆ ನನ್ನ ದೃಷ್ಟಿಯಲ್ಲಿ ಇದಕ್ಕಿಂತ ದೊಡ್ಡ ತೊಡಕು ಬೇರೆ ಇದೆ. ನಮ್ಮ ಕಡೆ ಉಣುಗು ಎಂದಕೂಡಲೇ ಜನರ ಕಣ್ಣಮುಂದೆ ಬರುವುದು ಹಸುವಿನ ಕಿವಿಯ ಒಳಗೆ, ಗಂಗೆದೊಗಲಿನ ಮಡಿಕೆಯಲ್ಲಿ, ಬಾಲದ ಬುಡದಲ್ಲಿ ಉಬ್ಬಿಕೊಂಡು ಕಚ್ಚಿರುವ ದಪ್ಪ ಉಣುಗು. ಅದು ಬಹುಪಾಲು ರಿಪಿಸೆಫಾಲಸ್ ಮೈಕ್ರೋಪ್ಲಸ್ ಎಂಬ ದನದ ಉಣುಗು. ಮರಿಯಾಗಿ ಹತ್ತಿದ ದನದ ಮೇಲೆಯೇ ಸುಮಾರು ಮೂರು ವಾರ ಬೆಳೆದು, ಮೊಟ್ಟೆ ಇಡುವ ಹೊತ್ತಿಗಷ್ಟೇ ಅದು ನೆಲಕ್ಕೆ ಬೀಳುತ್ತದೆ. ಬಬೇಸಿಯಾ ರೋಗವನ್ನು, ಅಂದರೆ ದನಕ್ಕೆ ಜ್ವರ ಬಂದು ಮೂತ್ರ ಕಾಫಿಯ ಬಣ್ಣಕ್ಕೆ ತಿರುಗುವ ಕಾಯಿಲೆಯನ್ನು, ಅದು ಹರಡುತ್ತದೆ. ಹೈನುಗಾರರು ಅದಕ್ಕಾಗಿಯಾದರೂ ಅದನ್ನು ನಿಯಂತ್ರಿಸಲೇಬೇಕು. ಮಂಗನ ಕಾಯಿಲೆಯ ಮುಖ್ಯ ವಾಹಕ ಅದಲ್ಲ.

ಮಂಗನ ಕಾಯಿಲೆಯ ಮುಖ್ಯ ವಾಹಕ ಹೀಮಾಫೈಸಾಲಿಸ್ ಸ್ಪಿನಿಜೆರಾ ಎಂಬ ಕಾಡಿನ ಉಣುಗು. ಅದು ತನ್ನ ಬಾಳಿನಲ್ಲಿ ಮೂರು ಬೇರೆ ಬೇರೆ ಪ್ರಾಣಿಗಳ ರಕ್ತ ಕುಡಿಯುತ್ತದೆ. ಮರಿಯಾಗಿ ಇಲಿ, ಹಕ್ಕಿ, ಮಂಗಗಳ ಮೈಗೆ ಹತ್ತಿ, ಹೊಟ್ಟೆ ತುಂಬಿದ ಮೇಲೆ ಉದುರಿ ಪೊರೆ ಕಳಚುತ್ತದೆ; ಎರಡನೆಯ ಹಂತದಲ್ಲಿ ಮತ್ತೆ ಅಂಥದೇ ಪ್ರಾಣಿಗಾಗಿ ನೆಲದ ಮೇಲಿನ ಎಲೆಗಳ ನಡುವೆ, ಹುಲ್ಲಿನ ತುದಿಯಲ್ಲಿ ಕಾದಿರುತ್ತದೆ; ಬೆಳೆದ ಮೇಲೆ ದನಗಳಂಥ ದೊಡ್ಡ ಪ್ರಾಣಿಗಳನ್ನು ಹಿಡಿಯುತ್ತದೆ. ಮನುಷ್ಯರಿಗೆ ಕಚ್ಚಿ ರೋಗ ತರುವುದು ಹೆಚ್ಚಾಗಿ ನಡುವಿನ ಆ ಎರಡನೆಯ ಹಂತ. ಅದರ ಉದ್ದ ಒಂದೆರಡು ಮಿಲಿಮೀಟರ್ ಮಾತ್ರ. ನವೆಂಬರ್, ಡಿಸೆಂಬರ್‌ನಿಂದ ಮೇ ತಿಂಗಳವರೆಗೆ ಅದರ ಕಾಲ, ಅಂದರೆ ನಾವು ದರಕಿಗೆ, ಸೌದೆಗೆ, ಸೊಪ್ಪಿಗೆ ಬೆಟ್ಟ ಹತ್ತುವ ಕಾಲವೇ.

ಹೇನಿನ ಮೊಟ್ಟೆಗೆ ‘ಸೀರು’ ಎಂಬ ಬೇರೆ ಹೆಸರನ್ನೇ ಕೊಟ್ಟಿರುವ ಕನ್ನಡ, ಉಣುಗಿನ ಮೂರೂ ಹಂತಗಳನ್ನು ದಿನಬಳಕೆಯಲ್ಲಿ ಒಂದೇ ಹೆಸರಿನಿಂದ ಕರೆಯುತ್ತದೆ, ಆ ಹೆಸರಾದರೋ ಮನಸ್ಸಿಗೆ ದಪ್ಪ ಉಣುಗನ್ನೇ ತರುತ್ತದೆ. ಜ್ವರ ಬಂದವರನ್ನು ‘ಉಣುಗು ಕಚ್ಚಿತ್ತೇ?’ ಎಂದು ಕೇಳಿದರೆ ‘ಇಲ್ಲ’ ಎನ್ನುತ್ತಾರೆ; ‘ಬೆಟ್ಟಕ್ಕೆ ಹೋಗಿ ಬಂದ ಮೇಲೆ ಕಾಲಿನಲ್ಲೋ ಸೊಂಟದಲ್ಲೋ ಕಪ್ಪು ಚುಕ್ಕೆಯಂಥದು ಅಂಟಿಕೊಂಡು ತುರಿಸಿತ್ತೇ?’ ಎಂದು ಕೇಳಿದರೆ ‘ಹೌದು, ಕೆರೆದು ತೆಗೆದೆ’ ಎನ್ನುತ್ತಾರೆ. ಆದ್ದರಿಂದ ಕರಪತ್ರದಲ್ಲಿ ಆ ಎರಡನೆಯ ಹಂತದ್ದನ್ನೂ ಸೇರಿಸಿ ‘ಮರಿ ಉಣುಗು’ ಎಂಬ ಮಾತನ್ನು ದೊಡ್ಡ ಅಕ್ಷರಗಳಲ್ಲಿ ಬರೆಯಿರಿ, ಎಳ್ಳಿಗಿಂತಲೂ ಸಣ್ಣದೆಂದು ತಿಳಿಸಿ, ಸಾಧ್ಯವಾದರೆ ನಿಜವಾದ ಗಾತ್ರದ ಚುಕ್ಕೆಯೊಂದನ್ನೇ ಅಚ್ಚು ಮಾಡಿಸಿ ಎಂಬುದು ನನ್ನ ಆಗ್ರಹದ ವಿನಂತಿ.

ಉತ್ತರ: ಕಾಳಿತೀರ, ಕಾರವಾರ

ನಾನು ಸೇರಿಸಬೇಕಾದದ್ದು ಎರಡೇ ಮಾತು. ಕಾರವಾರ, ಜೋಯಿಡಾ ಕಡೆ ಕೊಂಕಣಿ, ಮರಾಠಿ ಆಡುವ ಮನೆಗಳು ಬಹಳ. ಮರಾಠಿಯಲ್ಲಿ ಈ ಜೀವಿಗೆ ‘ಗೋಚೀಡ್’ ಎನ್ನುತ್ತಾರೆ. ಕರಪತ್ರ ಶಿರಸಿಯ ಆಚೆಗೂ ಹೋಗುವುದಾದರೆ ಆ ಹೆಸರೂ ಇರಲಿ. ಈ ಕಾಯಿಲೆ ಗಡಿಯ ಆಚೆಯೂ ಇದೆ: 2015ರಲ್ಲಿ ಗೋವೆಯ ಸತ್ತರಿ ತಾಲ್ಲೂಕಿನಲ್ಲಿ, ಮರುವರ್ಷ ಮಹಾರಾಷ್ಟ್ರದ ಸಿಂಧುದುರ್ಗದ ದೋಡಾಮಾರ್ಗದಲ್ಲಿ ಕಾಣಿಸಿಕೊಂಡಿತು.

ಇನ್ನೊಂದು ಮಾತು ರೋಗದ ಹೆಸರಿನ ಕುರಿತು. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮಂಗಗಳು ಸಾಲಾಗಿ ಸಾಯತೊಡಗಿ, ಸುತ್ತಲಿನ ಹಳ್ಳಿಗಳ ಜನರಿಗೂ ಜ್ವರ ಬಂದಾಗ ಈ ವೈರಾಣುವನ್ನು ಮೊದಲು ಗುರುತಿಸಲಾಯಿತು. ಶಾಸ್ತ್ರದಲ್ಲಿ ಅದು ಕ್ಯಾಸನೂರು ಕಾಡಿನ ಕಾಯಿಲೆ, ಜನರ ಬಾಯಲ್ಲಿ ಮಂಗನ ಕಾಯಿಲೆ. ಈ ಹೆಸರಿನಿಂದಾಗಿ ಜನ ಹೆದರಬೇಕಾದ ಉಣುಗನ್ನು ಬಿಟ್ಟು ಮಂಗನಿಗೆ ಹೆದರುತ್ತಾರೆ, ಕೆಲವರು ಅದನ್ನು ಹೊಡೆದು ಓಡಿಸಲೂ ಮುಂದಾಗುತ್ತಾರೆ. ಮಂಗವೂ ನಮ್ಮಂತೆಯೇ ಉಣುಗು ಕಚ್ಚಿಸಿಕೊಂಡು ಸಾಯುವ ಪ್ರಾಣಿ. ಅದು ಸತ್ತ ಜಾಗದಲ್ಲಿ ಅದರ ಮೈಯಿಂದ ಉದುರಿದ ಉಣುಗುಗಳು ಹರಡಿರುತ್ತವೆ ಎಂಬುದೇ ಅಪಾಯ. ಸತ್ತ ಮಂಗ ಕಂಡರೆ ಹತ್ತಿರ ಹೋಗದೆ, ಮುಟ್ಟದೆ, ಅರಣ್ಯ ಇಲಾಖೆಗೋ ಆರೋಗ್ಯ ಕೇಂದ್ರಕ್ಕೋ ತಿಳಿಸಬೇಕೆಂಬ ವಾಕ್ಯವನ್ನು ದಯವಿಟ್ಟು ಬಿಡಬೇಡಿ.

ಪ್ರತಿಕ್ರಿಯೆ: ಬೆಟ್ಟದಂಚು, ಶಿರಸಿ

ಮೂವರಿಗೂ ಮನಃಪೂರ್ವಕ ಕೃತಜ್ಞತೆಗಳು. ನೀವೆಲ್ಲ ಹೇಳಿದ್ದನ್ನು ಸೇರಿಸಿ ಕರಡನ್ನು ಹೀಗೆ ತಿದ್ದಿದ್ದೇನೆ, ತಪ್ಪಿದ್ದರೆ ತಿಳಿಸಬೇಕು.

‘ಮಂಗನ ಕಾಯಿಲೆಯನ್ನು ಹರಡುವುದು ಉಣುಗು. ಇದನ್ನು ಉಣ್ಣೆ, ಉಣ್ಣಿ ಎಂದೂ ಕರೆಯುತ್ತಾರೆ. ಇದು ರಕ್ತ ಹೀರುವ ಸಣ್ಣ ಜೀವಿ. ದನದ ಮೈಮೇಲೆ ಕಾಣುವ ದಪ್ಪ ಉಣುಗಿಗಿಂತ, ಕಾಡಿನ ಎಲೆ, ಹುಲ್ಲುಗಳ ಮೇಲಿರುವ ಎಳ್ಳಿಗಿಂತಲೂ ಸಣ್ಣ ಮರಿ ಉಣುಗೇ ಮನುಷ್ಯರಿಗೆ ಹೆಚ್ಚು ಅಪಾಯಕಾರಿ. ದರಕು, ಸೌದೆ ತರಲು ಹೋಗುವಾಗ ಮೈತುಂಬ ಬಟ್ಟೆ ಧರಿಸಿ, ಉಣುಗು ಹತ್ತದಂತೆ ಆರೋಗ್ಯ ಕೇಂದ್ರದಲ್ಲಿ ಕೊಡುವ ಡೆಪಾ ತೈಲವನ್ನು ಕೈಕಾಲುಗಳಿಗೆ ಹಚ್ಚಿಕೊಳ್ಳಿ. ಮನೆಗೆ ಬಂದಕೂಡಲೇ ಬಿಸಿನೀರು, ಸಾಬೂನಿನಿಂದ ಸ್ನಾನ ಮಾಡಿ, ಉಟ್ಟ ಬಟ್ಟೆಯನ್ನು ಬಿಸಿನೀರಿನಲ್ಲಿ ನೆನೆಸಿ. ಮೈಮೇಲೆ ಉಣುಗು ಕಂಡರೆ ಕಿತ್ತು ಹಾಕಿ. ಸತ್ತ ಮಂಗವನ್ನು ಮುಟ್ಟಬೇಡಿ, ಇಲಾಖೆಗೆ ತಿಳಿಸಿ. ಬೆಟ್ಟಕ್ಕೆ ಹೋಗಿ ಬಂದ ಮೇಲೆ ಹಠಾತ್ತಾಗಿ ಜ್ವರ, ತಲೆನೋವು, ಅತಿಯಾದ ಮೈಕೈ ನೋವು ಬಂದರೆ ತಡಮಾಡದೆ ಆಸ್ಪತ್ರೆಗೆ ಹೋಗಿ.’

ಉತ್ತರ: ಕೊಟ್ಟಿಗೆ ವೈದ್ಯ, ಹೊನ್ನಾವರ

ಬಹಳ ಚೆನ್ನಾಗಿ ಬಂದಿದೆ. ‘ಕಿತ್ತು ಹಾಕಿ’ ಎಂಬಲ್ಲಿ ಮಾತ್ರ ಒಂದು ತಿದ್ದುಪಡಿ ಬೇಕು. ಜನ ಉಣುಗನ್ನು ಉಗುರಿನಿಂದ ಹಿಸುಕಿ ಕೀಳುತ್ತಾರೆ, ಸೀಮೆಎಣ್ಣೆ ಹಾಕುತ್ತಾರೆ, ಬೆಂಕಿಕಡ್ಡಿ ತಾಗಿಸುತ್ತಾರೆ. ಇವು ಯಾವುವೂ ಸರಿಯಲ್ಲ. ‘ಸಣ್ಣ ಚಿಮುಟದಿಂದ ಚರ್ಮಕ್ಕೆ ತಾಗಿದಂತೆ ಬಾಯಿಯ ಬುಡದಲ್ಲಿ ಹಿಡಿದು, ತಿರುಚದೆ ನೇರವಾಗಿ ಮೇಲಕ್ಕೆ ಎಳೆಯಿರಿ, ಕೈಯಿಂದ ಹಿಸುಕಬೇಡಿ, ನಂತರ ಆ ಜಾಗವನ್ನು ಸಾಬೂನಿನಿಂದ ತೊಳೆಯಿರಿ’ ಎಂದು ಬರೆಯಿರಿ. ಕಚ್ಚಿದ ಮೂರರಿಂದ ಎಂಟು ದಿನಗಳಲ್ಲಿ ಸಾಮಾನ್ಯವಾಗಿ ಜ್ವರ ಕಾಣಿಸಿಕೊಳ್ಳುವುದರಿಂದ, ಕೊನೆಯ ವಾಕ್ಯದಲ್ಲಿ ‘ಹೋಗಿ ಬಂದ ವಾರದೊಳಗೆ ಅಥವಾ ಅದರ ಆಸುಪಾಸಿನಲ್ಲಿ’ ಎಂಬುದನ್ನು ಸೇರಿಸಿ. ರೋಗ ಒಬ್ಬರಿಂದ ಒಬ್ಬರಿಗೆ ಅಂಟುವುದಿಲ್ಲವೆಂಬುದನ್ನೂ ತಿಳಿಸಿದರೆ ಜ್ವರ ಬಂದ ಮನೆಯವರನ್ನು ಊರಿನವರು ದೂರ ಇಡುವುದು ತಪ್ಪುತ್ತದೆ. ಇಷ್ಟಾದರೆ ಅಚ್ಚಿಗೆ ಕೊಡಬಹುದು.